ಇದ್ದಿಲಿನಲ್ಲಿ ಬರೆದು, ಅಳಿಸಿ, ಸಿನಿಮಾ ಮಾಡುವುದು: ವಿಲಿಯಂ ಕೆಂಟ್ರಿಜ್ ದಾರಿ ಶಿರಸಿಯಲ್ಲಿ ನಡೆಯುತ್ತದೆಯೇ?

ನೀವು ಕೇಳಿದ್ದು ಎರಡು ಸಂಗತಿ. ವಿಲಿಯಂ ಕೆಂಟ್ರಿಜ್ ಚಿತ್ರಕಾರರೂ ಆಗಿ, ಸಿನಿಮಾ ಮಾಡುವವರೂ ಆಗಿ ಹೇಗೆ ಬದುಕು ಕಟ್ಟಿಕೊಂಡರು ಎಂಬುದು ಒಂದು. ಚಿತ್ರಕಲೆ ಓದಿ ಶಿರಸಿಗೆ ಮರಳಿರುವ ನೀವು ಮನೆಯ ಒಂದು ಕೋಣೆಯಲ್ಲಿ ಅಂಥದ್ದೇ ಇದ್ದಿಲಿನ ಆನಿಮೇಷನ್ ಮಾಡಬಹುದೇ ಎಂಬುದು ಇನ್ನೊಂದು. ಖಂಡಿತ ಮಾಡಬಹುದು, ಮಳೆಗಾಲದ ನಾಲ್ಕು ತಿಂಗಳು ಬಿಟ್ಟು.

ಮೊದಲು ಅವರ ಬದುಕು. ಹುಟ್ಟಿದ್ದು 1955ರಲ್ಲಿ, ದಕ್ಷಿಣ ಆಫ್ರಿಕಾದ ಜೊಹಾನ್ಸ್‌ಬರ್ಗ್‌ನಲ್ಲಿ. ಅಪ್ಪ ಅಮ್ಮ ಇಬ್ಬರೂ ವಕೀಲರು. ಕಾಲೇಜಿನಲ್ಲಿ ಓದಿದ್ದು ರಾಜಕೀಯಶಾಸ್ತ್ರ, ಆಮೇಲೆ ಚಿತ್ರಕಲೆ. 1981-82ರಲ್ಲಿ ಪ್ಯಾರಿಸ್‌ಗೆ ಹೋಗಿ ಜಾಕ್ ಲಕಾಕ್ ಶಾಲೆಯಲ್ಲಿ ಮೂಕಾಭಿನಯ, ರಂಗಭೂಮಿ ಕಲಿತರು. ಊರಿಗೆ ಬಂದು ಟಿವಿ, ಸಿನಿಮಾಗಳ ಕಲಾ ವಿಭಾಗದಲ್ಲಿ ದುಡಿದರು. ಇದ್ದಿಲ ಚಿತ್ರಗಳ ಮೊದಲ ಹೆಸರಾಂತ ಕಿರುಚಿತ್ರ ಬಂದದ್ದು 1989ರಲ್ಲಿ, ಆಗ ವಯಸ್ಸು 34. ಡಿಗ್ರಿ ಮುಗಿದ ಕೂಡಲೇ ದಾರಿ ಕಾಣಲಿಲ್ಲ ಎಂದು ಕೊರಗುವವರು ಈ ಲೆಕ್ಕವನ್ನು ನೆನಪಿಟ್ಟುಕೊಳ್ಳಬೇಕು.

ಅವರ ವಿಧಾನ ಸರಳ. ಸಾಮಾನ್ಯ ಆನಿಮೇಷನ್‌ನಲ್ಲಿ ಪ್ರತಿ ಚಲನೆಗೂ ಹೊಸ ಹಾಳೆ. ಕೆಂಟ್ರಿಜ್ ಒಂದು ದೃಶ್ಯಕ್ಕೆ ಒಂದೇ ಹಾಳೆ ಇಟ್ಟುಕೊಳ್ಳುತ್ತಾರೆ. ಬರೆಯುವುದು, ಕ್ಯಾಮೆರಾದ ಹತ್ತಿರ ನಡೆದು ಒಂದೆರಡು ಫ್ರೇಮ್ (ಬಿಡಿ ಫೋಟೊ) ತೆಗೆಯುವುದು, ವಾಪಸ್ ಬಂದು ಸ್ವಲ್ಪ ಅಳಿಸಿ ತಿದ್ದುವುದು. ಅಳಿಸಿದ್ದು ಪೂರ್ತಿ ಹೋಗುವುದಿಲ್ಲ, ಬೂದು ಕಲೆ ಉಳಿಯುತ್ತದೆ. ಪಾತ್ರ ನಡೆದುಹೋದ ಹಾದಿ ಹಾಳೆಯ ಮೇಲೆ ಕಾಣುತ್ತಲೇ ಇರುತ್ತದೆ. 1994ರ ‘ಫೆಲಿಕ್ಸ್ ಇನ್ ಎಕ್ಸೈಲ್’ ಹೆಚ್ಚುಕಡಿಮೆ 9 ನಿಮಿಷದ್ದು, ಅದಕ್ಕೆ ಬಳಕೆಯಾದ ಚಿತ್ರಗಳು ಸುಮಾರು 40.

ವೃತ್ತಿಯ ಗುಟ್ಟೂ ಇಲ್ಲೇ ಇದೆ. ಸಿನಿಮಾ ಮುಗಿದ ಮೇಲೆ ಆ ಹಾಳೆಗಳು ಕೈಯಲ್ಲೇ ಉಳಿಯುತ್ತವೆ. ಗ್ಯಾಲರಿಯ ಗೋಡೆಗೆ ಹೋಗುತ್ತವೆ, ಮಾರಾಟವಾಗುತ್ತವೆ. ಅದೇ ಇದ್ದಿಲ ರೇಖೆ 1992ರಿಂದ ಹ್ಯಾಂಡ್‌ಸ್ಪ್ರಿಂಗ್ ಗೊಂಬೆಯಾಟದ ತಂಡದ ಜೊತೆ ರಂಗದ ಹಿಂಪರದೆಗೆ ಹೋಯಿತು, 2005ರಲ್ಲಿ ಬ್ರಸೆಲ್ಸ್‌ನಲ್ಲಿ ಸಂಗೀತಗಾರ ಮೊಜಾರ್ಟ್‌ನ ಒಪೆರಾಕ್ಕೆ (ಗೀತನಾಟಕಕ್ಕೆ) ಹೋಯಿತು. ಅವರು ಹಲವು ಕಲೆಗಳನ್ನು ಬೇರೆಬೇರೆಯಾಗಿ ಸಾಧಿಸಲು ಹೊರಟವರಲ್ಲ. ಒಂದು ರೇಖೆಯನ್ನು ಹಿಡಿದು ಹಲವು ಕಡೆಗೆ ಒಯ್ದರು. ‘ಮೊದಲು ಎಡಿಟಿಂಗ್ ಕೋರ್ಸ್, ಆಮೇಲೆ ಕ್ಯಾಮೆರಾ ಕೋರ್ಸ್’ ಎಂದು ನೀವು ಹಾಕಿಕೊಂಡಿರುವ ಪಟ್ಟಿಯನ್ನು ಪಕ್ಕಕ್ಕಿಡಿ ಎನ್ನುವುದು ಇದಕ್ಕೇ. ರಂಗಭೂಮಿ ಹತ್ತಿರದಿಂದ ನೋಡಬೇಕೆಂದರೆ ಪಕ್ಕದ ಶಿವಮೊಗ್ಗ ಜಿಲ್ಲೆಯ ಸಾಗರ ತಾಲೂಕಿನ ಹೆಗ್ಗೋಡಿನಲ್ಲಿ ನೀನಾಸಂ ರಂಗಶಿಕ್ಷಣ ಕೇಂದ್ರ 1980ರಿಂದ ಇದೆ.

2016ರಲ್ಲಿ ರೋಮ್‌ನ ಟೈಬರ್ ನದಿಯ ದಂಡೆಗೋಡೆಯ ಮೇಲೆ 500 ಮೀಟರ್ ಉದ್ದಕ್ಕೆ 80ಕ್ಕೂ ಹೆಚ್ಚು ಆಕೃತಿಗಳನ್ನು ಮೂಡಿಸಿದರು. ಬಣ್ಣ ಬಳಿಯಲಿಲ್ಲ. ಅಚ್ಚು ಹಿಡಿದು, ಕಲ್ಲಿಗೆ ಹತ್ತಿದ್ದ ಕೊಳೆ ಪಾಚಿಯನ್ನು ಜೋರು ನೀರಿನಿಂದ ತೊಳೆದರು. ತೊಳೆಯದೆ ಬಿಟ್ಟ ಕೊಳೆಯೇ ಚಿತ್ರವಾಯಿತು. ತೆಗೆದು ಚಿತ್ರ ಮಾಡುವ ಈ ಬಗೆ ನಮ್ಮ ಉತ್ತರ ಕನ್ನಡಕ್ಕೆ ಹೊಸದಲ್ಲ. ಶಿರಸಿಯ ಮಾರಿಕಾಂಬಾ ಗುಡಿಯ ಕಾವಿ ಚಿತ್ರಗಳನ್ನು ಹತ್ತಿರ ನಿಂತು ನೋಡಿ: ಸುಣ್ಣದ ಗಾರೆಯ ಮೇಲೆ ಕೆಮ್ಮಣ್ಣಿನ ಪದರ, ಅದು ಹಸಿಯಿರುವಾಗಲೇ ಕಬ್ಬಿಣದ ಮೊನೆಯಿಂದ ಕೆರೆದರೆ ಕೆಳಗಿನ ಬಿಳಿ ಎದ್ದು ಬರುತ್ತದೆ. ತಿದ್ದಲು ಅವಕಾಶವಿಲ್ಲದ ಕೆಲಸ ಅದು. ಅಲ್ಲಿ ಒಂದು ಗಂಟೆ ಕೂತು ನಕಲು ಬರೆದರೆ ಕೈಗೆ ಸಿಗುವ ಧೈರ್ಯ ಬೇರೆಯೇ.

ಇನ್ನು ಮಾಡುವ ಕ್ರಮ. ಇದ್ದಿಲು ಮನೆಯಲ್ಲೇ ಆಗುತ್ತದೆ. ಪೆನ್ಸಿಲ್ ಗಾತ್ರದ ಹುಣಸೆ ಕಡ್ಡಿಗಳ ಸಿಪ್ಪೆ ಸುಲಿದು ಚೆನ್ನಾಗಿ ಒಣಗಿಸಿ. ಮುಚ್ಚಳವಿರುವ ತಗಡಿನ ಡಬ್ಬಿಯಲ್ಲಿ ಒತ್ತಾಗಿ ಜೋಡಿಸಿ, ಸಂದಿಗೆ ಒಣ ಮರಳು ತುಂಬಿ, ಮುಚ್ಚಳಕ್ಕೆ ಮೊಳೆಯಿಂದ ಒಂದು ತೂತು ಮಾಡಿ ಬಚ್ಚಲ ಒಲೆಯ ಕೆಂಡದಲ್ಲಿಡಿ. ತೂತಿನಿಂದ ಹೊಗೆ ಬರುವುದು ನಿಂತ ಮೇಲೆ ತೆಗೆದು, ಡಬ್ಬಿ ಪೂರ್ತಿ ತಣ್ಣಗಾಗುವವರೆಗೆ ಮುಚ್ಚಳ ಮುಟ್ಟಬೇಡಿ. ಬಿಸಿಯಿರುವಾಗ ಗಾಳಿ ಹೊಕ್ಕರೆ ಕಡ್ಡಿ ಹೊತ್ತಿಕೊಂಡು ಬೂದಿಯಾಗುತ್ತದೆ. ಅಂಗಡಿಯ ಕಂಪ್ರೆಸ್ಡ್ ಚಾರ್ಕೋಲ್‌ನಲ್ಲಿ (ಪುಡಿಯನ್ನು ಒತ್ತಿ ಮಾಡಿದ ಇದ್ದಿಲು) ಅಂಟು ಇರುತ್ತದೆ, ಸುಲಭಕ್ಕೆ ಅಳಿಸಲು ಬರುವುದಿಲ್ಲ. ಅದನ್ನು ಕೊನೆಯವರೆಗೂ ಬದಲಾಗದ ಕಡುಗಪ್ಪಿಗೆ ಮಾತ್ರ ಬಳಸಿ.

ಹಾಳೆ 300 ಜಿಎಸ್‌ಎಂ (ಚದರ ಮೀಟರಿಗೆ 300 ಗ್ರಾಂ ತೂಕದ) ಹತ್ತಿಯದ್ದು, ಎ2 ಅಳತೆ ಸಾಕು. ಹಿಂಬದಿಯನ್ನು ಒದ್ದೆ ಬಟ್ಟೆಯಿಂದ ಒರೆಸಿ, ನಾಲ್ಕೂ ಅಂಚನ್ನು ನೀರು ತಾಗಿಸಿ ಅಂಟಿಸುವ ಗಮ್ ಟೇಪಿನಿಂದ 12 ಮಿ.ಮೀ. ಪ್ಲೈವುಡ್ಡಿಗೆ ಅಂಟಿಸಿದರೆ ಒಣಗುವಾಗ ಬಿಗಿಯಾಗಿ ಎಳೆದುಕೊಳ್ಳುತ್ತದೆ. ಹೀಗೆ ಮಾಡದಿದ್ದರೆ ಜೂನ್‌ನ ತೇವಕ್ಕೆ ಹಾಳೆ ಉಬ್ಬಿ, ಉಬ್ಬಿದಲ್ಲಿ ನೆರಳು ಬಿದ್ದು, ಇಡೀ ಚಿತ್ರ ಉಸಿರಾಡಿದಂತೆ ಕಾಣುತ್ತದೆ. ಪ್ಲೈವುಡ್‌ನ ನಾಲ್ಕು ಮೂಲೆಗೆ ಚುಕ್ಕಿ ಇಟ್ಟುಕೊಳ್ಳಿ. ಕ್ಯಾಮೆರಾ ಕದಲಿದರೆ ಎಡಿಟಿಂಗ್‌ನಲ್ಲಿ ಸರಿಪಡಿಸಲು ಅವೇ ಗತಿ. ಟ್ರೈಪಾಡನ್ನು ಮಾಳಿಗೆಯ ಹಲಗೆ ನೆಲದ ಮೇಲೆ ಇಡಲೇಬೇಡಿ. ನೀವು ಹೆಜ್ಜೆ ಇಟ್ಟ ಪ್ರತಿ ಸಲ ಫ್ರೇಮ್ ಕುಣಿಯುತ್ತದೆ. ಕೆಳಗಿನ ಸಿಮೆಂಟ್ ನೆಲವೇ ಸರಿ, ಟ್ರೈಪಾಡಿಗೆ ಮರಳಿನ ಚೀಲ ನೇತುಹಾಕಿ.

ಎಲ್ಲರನ್ನೂ ಕಾಡುವುದು ಬೆಳಕಿನ ಮಿಣುಕು. ಕಿಟಕಿ ಪೂರ್ತಿ ಮುಚ್ಚಿ, ಎರಡೂ ಬದಿಯಿಂದ 45 ಡಿಗ್ರಿಯಲ್ಲಿ ಒಂದೊಂದು ಎಲ್‌ಇಡಿ ಇಡಿ. ನಮ್ಮ ಕಡೆ ವೋಲ್ಟೇಜ್ ಏರಿಳಿತ ಮಾಮೂಲು, ಆದ್ದರಿಂದ ಬ್ಯಾಟರಿ ದೀಪ ಒಳ್ಳೆಯದು. ಕ್ಯಾಮೆರಾದಲ್ಲಿ ಫೋಕಸ್, ಐಎಸ್‌ಒ (ಬೆಳಕಿಗೆ ಸ್ಪಂದಿಸುವ ಪ್ರಮಾಣ), ವೈಟ್ ಬ್ಯಾಲೆನ್ಸ್ (ಬಣ್ಣದ ಹೊಂದಾಣಿಕೆ) ಯಾವುದೂ ಆಟೊ ಬೇಡ. ಶಟರ್ 1/10 ಸೆಕೆಂಡ್ ಇಟ್ಟರೆ ದೀಪದ ಸೂಕ್ಷ್ಮ ಮಿಣುಕು ಸರಾಸರಿಯಾಗಿ ಮರೆಯಾಗುತ್ತದೆ. ಇಷ್ಟಾದರೂ ಮಿಣುಕು ಬಂದರೆ ಲೆನ್ಸ್‌ನ ಅಪರ್ಚರ್ (ಬೆಳಕು ಒಳಬಿಡುವ ಕಿಂಡಿ) ಪ್ರತಿ ಸಲ ಕೂದಲೆಳೆಯಷ್ಟು ವ್ಯತ್ಯಾಸದಲ್ಲಿ ಮುಚ್ಚುತ್ತಿದೆ ಎಂದರ್ಥ. ಕೈಯಿಂದ ತಿರುಗಿಸುವ ಹಳೆಯ ಮ್ಯಾನುಯಲ್ ಲೆನ್ಸ್ ಅದಕ್ಕೆ ಮದ್ದು. ಬಿಳಿ ಅಂಗಿ ತೊಟ್ಟು ನಿಂತರೆ ಅದರ ಬೆಳಕೂ ಹಾಳೆಗೆ ಬೀಳುತ್ತದೆ. ಕಪ್ಪು ತೊಡಿ, ಫೋಟೊ ತೆಗೆಯುವಾಗ ನಿಲ್ಲುವ ಜಾಗಕ್ಕೆ ನೆಲದಲ್ಲಿ ಗುರುತು ಹಾಕಿಕೊಳ್ಳಿ.

ಸೆಕೆಂಡಿಗೆ 12 ಫೋಟೊ ಎಂದರೆ ನಿಮಿಷಕ್ಕೆ 720. ಒಂದು ತಿದ್ದುವಿಕೆಗೆ ಎರಡು ನಿಮಿಷ ಹಿಡಿದರೆ 24 ಗಂಟೆ ಕೆಲಸ. ಮೊದಲ ಸಲಕ್ಕೆ ಹತ್ತು ಸೆಕೆಂಡ್ ಮಾಡಿ, 120 ಫೋಟೊ. ಒಂದೇ ಜಾಗವನ್ನು ಮತ್ತೆಮತ್ತೆ ಉಜ್ಜಿದರೆ ಹಾಳೆಯ ಜುಂಗು ಸವೆದು ಇದ್ದಿಲು ಹಿಡಿಯುವುದೇ ಇಲ್ಲ. ಅದಕ್ಕೇ ಪಾತ್ರವನ್ನು ಹಾಳೆಯ ಉದ್ದಕ್ಕೂ ಓಡಾಡಿಸಬೇಕು. ಗಟ್ಟಿ ರಬ್ಬರ್ ಬದಲು ನಾದಿಕೊಳ್ಳುವ ಮೆತ್ತನೆ ರಬ್ಬರ್ ಒತ್ತಿ ಎತ್ತಿ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಎಡಿಟಿಂಗ್, ಧ್ವನಿ ಕೆಲಸ ಇಟ್ಟುಕೊಳ್ಳಿ. ಕ್ಯಾಮೆರಾ, ಲೆನ್ಸ್ ಗಾಳಿಯಾಡದ ಡಬ್ಬಿಯಲ್ಲಿ ಸಿಲಿಕಾ ಜೆಲ್ ಜೊತೆ ಇರಲಿ. ಕಾರವಾರ, ಕುಮಟಾ ಕಡೆಯವರು ವರ್ಷವಿಡೀ ಹೀಗೆಯೇ ಇಡಬೇಕು, ಇಲ್ಲವಾದರೆ ಗಾಜಿಗೆ ಬೂಷ್ಟು ಹಿಡಿಯುತ್ತದೆ.

ದೃಶ್ಯ ಪೂರ್ತಿ ಮುಗಿಯುವ ಮೊದಲು ಫಿಕ್ಸೆಟಿವ್ (ಇದ್ದಿಲು ಉದುರದಂತೆ ಹಿಡಿದಿಡುವ ಸ್ಪ್ರೇ) ಹೊಡೆಯಬೇಡಿ, ಆಮೇಲೆ ಅಳಿಸಲಾಗದು. ಮುಗಿದ ಮೇಲೆ ಒಣ ಹವೆಯ ದಿನ, 30 ಸೆಂ.ಮೀ. ದೂರದಿಂದ ಎರಡು ಮೂರು ತೆಳು ಪದರ. ತೇವದ ದಿನ ಹೊಡೆದರೆ ಬಿಳಿ ಮಂಜು ಕೂರುತ್ತದೆ. ಚೌಕಟ್ಟು ಹಾಕಿಸುವಾಗ ಹಾಳೆಗೂ ಗಾಜಿಗೂ ನಡುವೆ ದಪ್ಪ ಮೌಂಟ್ ಬೋರ್ಡ್ ಇಡಲು ಅಂಗಡಿಯವರಿಗೆ ಹೇಳಿ. ಗಾಜು ತಾಗಿದರೆ ಮೊದಲ ಮಳೆಗಾಲಕ್ಕೇ ಇದ್ದಿಲು ಗಾಜಿಗೆ ಅಂಟಿ ಬರುತ್ತದೆ.