ಕಾಸರಗೋಡಿನಂಥ ಊರಿನಲ್ಲಿ ಇಂಟೀರಿಯರ್ ಕಂಪನಿ ಬೆಳೆಯುತ್ತದೆಯೇ?

ಬೆಂಗಳೂರಿನ ಇಂಟೀರಿಯರ್ ಕಂಪನಿಯೊಂದರಲ್ಲಿ 6 ವರ್ಷ ದುಡಿದು ಈಗ ಕುಂಬಳೆಗೆ ಮರಳುತ್ತಿದ್ದೇನೆ, ಕೈಯಲ್ಲಿ 8 ಲಕ್ಷ ಇದೆ, ಶೋರೂಂ ತೆರೆದರೆ ಕಂಪನಿ ಬೆಳೆದೀತೇ ಎಂದು ಕೇಳಿದ್ದೀರಿ. ಬೆಳೆಯುತ್ತದೆ. ಆದರೆ ಶೋರೂಂ ಬೇಡ. ಬದಿಯಡ್ಕದ ಹತ್ತಿರ 2014ರಲ್ಲಿ ಇಬ್ಬರು ಆಚಾರಿಗಳೊಂದಿಗೆ ಈ ಕೆಲಸ ಶುರು ಮಾಡಿದವನು ನಾನು. ಈಗ ನಾವು 14 ಮಂದಿ ಇದ್ದೇವೆ. ಒಂದು ಸಲ ಎಲ್ಲವೂ ಮುಳುಗುವ ಹಂತಕ್ಕೂ ಹೋಗಿತ್ತು. ಅದನ್ನು ಮುಚ್ಚಿಡದೆ ಹೇಳುತ್ತೇನೆ, ನಿಮಗೆ ಹೆಚ್ಚು ಉಪಯೋಗಕ್ಕೆ ಬರುವುದು ಅದೇ.

ನಮ್ಮ ಮೊದಲ ಎರಡು ವರ್ಷ ಬಹುಪಾಲು ರಿಪೇರಿಯಲ್ಲೇ ಹೋಯಿತು. ಉಬ್ಬಿ ಮುಚ್ಚಲಾಗದ ಬಾಗಿಲು, ಗೆದ್ದಲು ತಿಂದ ಮಾಡಿನ ಪಕ್ಕಾಸು, ರೀಪು, ಒಡೆದ ಹಂಚು. ಇಂಥ ಕೆಲಸ ಯಾರಿಗೂ ಬೇಡ, ಹಾಗಾಗಿ ನಮಗೆ ಸಿಕ್ಕಿತು. ಒಂದು ಬಾಗಿಲು ಸರಿ ಮಾಡಿಸಿಕೊಂಡ ಮನೆಯವರೇ ಮುಂದಿನ ವರ್ಷ ಮಗನ ಮದುವೆಗೆ ಅಡುಗೆಮನೆ ಪೂರ್ತಿ ಹೊಸದು ಮಾಡಿಕೊಡಿ ಎಂದು ಕರೆದರು. ನಮ್ಮ ಕಡೆ ಕೆಲಸ ಹಬ್ಬುವುದೇ ಹೀಗೆ. ಪೂಜೆಗೆ ಬಂದ ಭಾವ ಅಡುಗೆಮನೆ ಇಣುಕುತ್ತಾನೆ, ಯಾರು ಮಾಡಿದ್ದು ಎಂದು ಕೇಳುತ್ತಾನೆ. ಗಲ್ಫಿನಿಂದ ರಜೆಗೆ ಬಂದವರು ಪಕ್ಕದ ಮನೆ ನೋಡಿಯೇ ಫೋನ್ ಮಾಡುತ್ತಾರೆ.

ಬೆಂಗಳೂರಿನ ಅನುಭವ ಇಲ್ಲಿ ಅರ್ಧಕ್ಕೆ ಮಾತ್ರ ಕೆಲಸಕ್ಕೆ ಬರುತ್ತದೆ. ಅಲ್ಲಿ ವರ್ಷಕ್ಕೆ ಸುಮಾರು 1,000 ಮಿಲಿಮೀಟರ್ ಮಳೆ, ಇಲ್ಲಿ 3,000ಕ್ಕೂ ಮೇಲೆ, ಅದೂ ಬಹುಪಾಲು ನಾಲ್ಕೇ ತಿಂಗಳಲ್ಲಿ. ಹಳೆಯ ಮನೆಗಳೆಲ್ಲ ಮುರಕಲ್ಲಿನವು, ಆ ಕಲ್ಲು ನೀರು ಕುಡಿಯುತ್ತದೆ. 2015ರಲ್ಲಿ ಪೆರ್ಲದ ಕಡೆಯ ಒಂದು ಮನೆಗೆ ಚೆಂದದ ವಾರ್ಡ್‌ರೋಬ್ ಮಾಡಿ ಗೋಡೆಗೆ ಒತ್ತಿ ಕೂರಿಸಿದ್ದೆವು. ಆಗಸ್ಟಿನಲ್ಲಿ ಆ ಮನೆಯ ಅಕ್ಕ ಫೋನ್ ಮಾಡಿದರು. ಹೋಗಿ ಬಾಗಿಲು ತೆಗೆದರೆ ಹಿಂದಿನ ಹಲಗೆ ಹಪ್ಪಳದಂತೆ ಉಬ್ಬಿತ್ತು, ರೇಷ್ಮೆ ಸೀರೆಯ ಮಡಿಕೆಯ ಮೇಲೆ ಹಸಿರು ಬೂಷ್ಟು. ಅವರು ಬೈಯಲಿಲ್ಲ. ಸೀರೆ ಕೈಯಲ್ಲಿ ಹಿಡಿದುಕೊಂಡು, ಇದು ಅಮ್ಮನದ್ದು ಎಂದರು, ಅಷ್ಟೇ. ವಾರ್ಡ್‌ರೋಬ್ ಬಿಚ್ಚಿ, ಮನೆಯ ಹಿಂದೆ ಗೋಡೆಗೆ ತಾಗಿಕೊಂಡು ಎರಡು ಅಡಿ ಎತ್ತರಕ್ಕೆ ಬಿದ್ದಿದ್ದ ಮಣ್ಣು ತೆಗೆಸಿ, ಮಾಡಿನ ನೀರು ದೂರ ಬೀಳುವಂತೆ ದಂಬೆ ಕಟ್ಟಿಸಿ, ಮಳೆ ಮುಗಿದ ಮೇಲೆ ನಮ್ಮ ಖರ್ಚಿನಲ್ಲಿ ಹೊಸದು ಮಾಡಿಕೊಟ್ಟೆವು.

ಅಂದಿನಿಂದ ಅಳತೆ ತೆಗೆಯುವ ಮೊದಲು ಗೋಡೆ ನೋಡುತ್ತೇವೆ. ಒಂದು ಪ್ಲಾಸ್ಟಿಕ್ ಹಾಳೆಯನ್ನು ನಾಲ್ಕು ಬದಿಗೂ ಟೇಪ್ ಹಾಕಿ ಅಂಟಿಸಿ ಒಂದೆರಡು ದಿನ ಬಿಡುವುದು. ಗೋಡೆಯ ಕಡೆಗೆ ಬೆವರು ಕೂತಿದ್ದರೆ ಮೊದಲು ನೀರಿನ ದಾರಿ ಹುಡುಕಬೇಕು, ಮರದ ಕೆಲಸ ಆಮೇಲೆ. ಗೋಡೆಗೂ ಹಲಗೆಗೂ ನಡುವೆ ಒಂದು ಇಂಚು ಗಾಳಿ ಬಿಡುತ್ತೇವೆ. ಮಳೆಗಾಲದಲ್ಲಿ ಪಾಲಿಶ್ ಮಾಡುವುದಿಲ್ಲ, ತೇವಕ್ಕೆ ಬಿಳಿಚಿಕೊಳ್ಳುತ್ತದೆ.

ಪ್ಲೈವುಡ್ ವಿಷಯದಲ್ಲಿ ಮುದ್ರೆ ನೋಡಿ ನಂಬಬೇಡಿ. ಐಎಸ್ 710 ಎಂಬುದು ನೀರು ತಾಳುವ ಪ್ಲೈವುಡ್ಡಿನ ಭಾರತೀಯ ಮಾನಕ, 72 ಗಂಟೆ ಕುದಿಸಿದರೂ ಪದರ ಬಿಡಬಾರದು ಎಂದು ಅರ್ಥ. ಒಮ್ಮೆ ಒಬ್ಬ ವ್ಯಾಪಾರಿ ಕಳುಹಿಸಿದ ಲೋಡಿನ ಮೇಲೆ ಅನುಮಾನ ಬಂದು, ಅಂಗೈಯಗಲದ ತುಂಡೊಂದನ್ನು ನಮ್ಮ ಬಚ್ಚಲಿನ ಹಂಡೆಗೆ ಹಾಕಿದೆ. ಅಡಕೆ ಸಿಪ್ಪೆಯ ಬೆಂಕಿ ಹೇಗೂ ಉರಿಯುತ್ತಿತ್ತು. ಮರುದಿನ ಬೆಳಿಗ್ಗೆ ತೆಗೆದರೆ ಪುಸ್ತಕದ ಹಾಳೆಗಳಂತೆ ಬಿಡಿಸಿಕೊಂಡಿತು. ಲೋಡ್ ಪೂರ್ತಿ ವಾಪಸು ಕಳುಹಿಸಿದೆ. ಈಗ ಪ್ರತಿ ಲೋಡಿನಿಂದಲೂ ಒಂದು ತುಂಡು ಹಂಡೆಗೆ ಹೋಗುತ್ತದೆ.

ಇನ್ನು ಮುಳುಗಿದ ಕತೆ. 2018ರಲ್ಲಿ ಒಟ್ಟಿಗೆ 5 ಮನೆ ಹಿಡಿದೆವು. ಆರ್ಡರ್ ಆದಾಗ ಅರ್ಧ ಹಣ, ಸಾಮಾನು ಬಂದಾಗ ಶೇಕಡಾ 40, ಮುಗಿದಾಗ ಉಳಿದ 10. ಆ ಕೊನೆಯ 10 ಯಾವಾಗಲೂ ತಡವಾಗಿಯೇ ಬರುತ್ತದೆ. ನಾಲ್ಕನೇ ಮನೆಯ ಅಡ್ವಾನ್ಸಿನಲ್ಲಿ ಮೂರನೇ ಮನೆಗೆ ಬಾಗಿಲಿನ ಹಿಂಜ್, ಡ್ರಾಯರಿನ ಚಾನೆಲ್ ತಂದೆ. ಐದನೆಯದರಲ್ಲಿ ನಾಲ್ಕನೆಯದಕ್ಕೆ ಪ್ಲೈವುಡ್ ತಂದೆ. ಬ್ಯಾಂಕಿನಲ್ಲಿ ಲಕ್ಷಗಟ್ಟಲೆ ಕಾಣುತ್ತಿದ್ದುದರಿಂದ ಕಂಪನಿ ಬೆಳೆಯುತ್ತಿದೆ ಎಂದೇ ನಂಬಿದ್ದೆ. ಬರಬೇಕಿದ್ದ ಆರನೇ ಮನೆಯವರು ಕೆಲಸವನ್ನು ಮುಂದಿನ ವರ್ಷಕ್ಕೆ ಹಾಕಿದರು. ಒಂದೇ ವಾರದಲ್ಲಿ ಎಲ್ಲ ಮನೆಗಳಲ್ಲೂ ಕೆಲಸ ನಿಂತಿತು. ನೀರ್ಚಾಲಿನ ಕಡೆಯ ಒಂದು ಮನೆಯಲ್ಲಿ ಅಡುಗೆಮನೆ ಕಿತ್ತು ಹಾಕಿ ಆಗಿತ್ತು. ಎಪ್ಪತ್ತು ದಾಟಿದ ಅಮ್ಮ ಎರಡು ತಿಂಗಳು ಕೊಟ್ಟಿಗೆಯ ಪಕ್ಕದ ಮಾಡಿನಡಿ ಅನ್ನ ಬೇಯಿಸಿದರು. ನಾನು ಹೋದಾಗಲೆಲ್ಲ ಆಸರಿಗೆ ಬೇಕೋ ಎಂದು ಕೇಳಿ ಅಲ್ಲಿಂದಲೇ ಚಹಾ ತಂದುಕೊಡುತ್ತಿದ್ದರು. ಆ ಲೋಟ ಹಿಡಿಯುವುದು ನನಗೆ ತುಂಬ ಕಷ್ಟವಾಗುತ್ತಿತ್ತು. ಹೆಂಡತಿಯ ಬಳೆ ಅಡವಿಟ್ಟು ಆ ಕೆಲಸ ಮುಗಿಸಿದೆ.

ಆಮೇಲೆ ಮನೆಗೊಂದು ಪುಸ್ತಕ ಮಾಡಿದೆವು. ಶನಿವಾರ ಬಟವಾಡೆಗೆ ಕೂರುವ ಮೊದಲು ಒಂದೇ ಲೆಕ್ಕ: ಕೈಯಲ್ಲಿ 4 ಲಕ್ಷ ಇದೆ, ಆದರೆ ಹಣ ಪಡೆದೂ ಇನ್ನೂ ತಾರದ ಸಾಮಾನು 3,20,000ದ್ದು ಇದೆ ಎಂದಾದರೆ ನಮ್ಮದು 80,000 ಮಾತ್ರ. ಅದು ಎರಡು ವಾರದ ಸಂಬಳಕ್ಕೆ ಸಾಲದಿದ್ದರೆ ಹೊಸ ಮನೆ ಹಿಡಿಯುವುದಿಲ್ಲ, ಕರೆದವರಿಗೆ ಕಾಯಿರಿ ಎನ್ನುತ್ತೇವೆ. ಹೆಚ್ಚಿನವರು ಕಾಯುತ್ತಾರೆ. ಈ ಪುಸ್ತಕ ಇದ್ದುದರಿಂದಲೇ 2020ರ ಮಾರ್ಚಿನಲ್ಲಿ ಕೊರೋನಾ ಕಾರಣಕ್ಕೆ ಕರ್ನಾಟಕದವರು ಗಡಿ ರಸ್ತೆಗಳಿಗೆ ಮಣ್ಣು ಸುರಿದು ಮುಚ್ಚಿ, ಮಂಗಳೂರಿನಿಂದ ಸಾಮಾನು ಬರುವುದು ನಿಂತಾಗಲೂ ಯಾರ ಹಣವೂ ಮುಳುಗಲಿಲ್ಲ. ಅಂದಿನಿಂದ ಕೇರಳದೊಳಗೇ ಇರುವ ಪೆರುಂಬಾವೂರು ಕಡೆಯಿಂದಲೂ ಪ್ಲೈವುಡ್ ತರಿಸುತ್ತೇವೆ.

ಕೊಟೇಶನ್ ಗಿರಾಕಿಯ ಭಾಷೆಯಲ್ಲಿ ಕೊಡಿ. ಇಲ್ಲಿ ಕನ್ನಡದವರಿಗೆ ಪಂಚಾಯತಿನಿಂದ ಬರುವ ಕಾಗದವೇ ಎಷ್ಟೋ ಸಲ ಮಲಯಾಳದಲ್ಲಿರುತ್ತದೆ, ನಿಮ್ಮದಾದರೂ ಅವರಿಗೆ ಓದಲು ಬರಲಿ. ಚದರ ಅಡಿ ಎಂದರೆ ಯಾವುದು ಎಂದು ಅದರಲ್ಲೇ ಬರೆಯಿರಿ. 7 ಅಡಿ ಎತ್ತರ, 6 ಅಡಿ ಅಗಲದ ವಾರ್ಡ್‌ರೋಬ್ ಮುಂದಿನ ಮುಖದ ಲೆಕ್ಕದಲ್ಲಿ 42 ಚದರ ಅಡಿ. ಒಳಗಿನ ತಟ್ಟುಗಳನ್ನೂ ಸೇರಿಸಿ ಅಳೆಯುವವರಿದ್ದಾರೆ, ನಮ್ಮಲ್ಲಿ ಜಗಳ ಹುಟ್ಟುವುದು ಹೆಚ್ಚಾಗಿ ಅಲ್ಲಿಯೇ. ಹಂಚು ತೆಗೆದು ಸ್ಲ್ಯಾಬ್ ಹಾಕುವುದು, ಕೋಣೆ ಹಿಗ್ಗಿಸುವುದು ಎಲ್ಲ ಪರವಾನಗಿಯ ವಿಷಯ, ಮೊದಲೇ ಪಂಚಾಯತಿನಲ್ಲಿ ಕೇಳಿ.

ನಿಮ್ಮ 8 ಲಕ್ಷದಲ್ಲಿ ಒಂದು ಶೆಡ್ ಬಾಡಿಗೆಗೆ ಹಿಡಿಯಿರಿ, ಹಲಗೆ ಕೊಯ್ಯುವ ಒಳ್ಳೆಯ ಯಂತ್ರ ಒಂದು ತೆಗೆದುಕೊಳ್ಳಿ, ಆರು ತಿಂಗಳ ಸಂಬಳ ಮುಟ್ಟದೆ ಇಡಿ. ಉಳಿದ ಯಂತ್ರಗಳ ಕೆಲಸ ನಮ್ಮ ಶೆಡ್ಡಿಗೆ ತಂದು ಮಾಡಿಕೊಳ್ಳಬಹುದು, ಕುಂಬಳೆಯಿಂದ ಹೆಚ್ಚು ದೂರವಿಲ್ಲ. ಊರಿಗೆ ಬಂದವರು ಜುಲೈಯಲ್ಲಿ ಒಂದು ದಿನ ಬಿಡುವು ಮಾಡಿಕೊಂಡು ಬನ್ನಿ, ಪೆರ್ಲದ ಆ ಮನೆಗೂ ಹೋಗಿಬರೋಣ. ಆ ವಾರ್ಡ್‌ರೋಬಿನ ಹಿಂದೆ ಕೈ ಹಾಕಿ ನೋಡಿ, ಒಣಗಿದೆ.