ಬೂಟು, ಕರಾರುಪತ್ರ, ಮೊಣಕಾಲು: ಫುಟ್‌ಬಾಲ್ ಹುಡುಗಿಯರ ಪ್ರಶ್ನೆಗಳಿಗೆ ಉತ್ತರ

ಈ ಸಲದ ಪತ್ರಗಳೆಲ್ಲ ಶಿವಮೊಗ್ಗ, ಚಿಕ್ಕಮಗಳೂರು ಕಡೆಯವು. ಉತ್ತರ ಕೊಟ್ಟವರು ನಮ್ಮ ಬಳಗದ ತರಬೇತುದಾರರು ಮತ್ತು ಫಿಸಿಯೋಥೆರಪಿಸ್ಟರು.

ಮಗಳಿಗೆ 13 ವರ್ಷ. ಊರ ಹುಡುಗರ ಜೊತೆ ಫುಟ್‌ಬಾಲ್ ಆಡುತ್ತಾಳೆ. ಇದರಲ್ಲೇ ಹೊಟ್ಟೆ ಹೊರೆಯಲು ಸಾಧ್ಯವಾ? ಎಲ್ಲಿಂದ ಶುರು ಮಾಡಬೇಕು?
– ಒಬ್ಬ ತಾಯಿ, ತೀರ್ಥಹಳ್ಳಿ ತಾಲ್ಲೂಕು

ಸಾಧ್ಯ. ಆದರೆ ದುಡ್ಡಿನ ಲೆಕ್ಕ ಮೊದಲೇ ಗೊತ್ತಿರಲಿ. ದೇಶದ ಮಹಿಳೆಯರ ಅಗ್ರ ಲೀಗ್, ಇಂಡಿಯನ್ ವಿಮೆನ್ಸ್ ಲೀಗ್, ಶುರುವಾದದ್ದು 2016–17ರಲ್ಲಿ. ಮೊದಮೊದಲು ಅದು ಒಂದೇ ಊರಿನಲ್ಲಿ ಕೆಲವೇ ವಾರಗಳಲ್ಲಿ ಮುಗಿದುಹೋಗುವ ಟೂರ್ನಿಯಾಗಿತ್ತು. ತಂಡಗಳು ಒಬ್ಬರ ಊರಿಗೆ ಇನ್ನೊಬ್ಬರು ಹೋಗಿ ಆಡುವ, ತಿಂಗಳುಗಟ್ಟಲೆ ನಡೆಯುವ ಲೀಗ್ ಆದದ್ದು 2023–24ರಲ್ಲಿ. ಆ ಋತುವಿಗೆ ಮುಂಚೆ ಅಖಿಲ ಭಾರತ ಫುಟ್‌ಬಾಲ್ ಫೆಡರೇಷನ್ ಒಂದು ನಿಯಮ ಪ್ರಕಟಿಸಿತು: ಅಗ್ರ ಲೀಗಿನ ಕ್ಲಬ್ಬು ಕನಿಷ್ಠ 10 ಭಾರತೀಯ ಆಟಗಾರ್ತಿಯರಿಗೆ ವರ್ಷಕ್ಕೆ 3.2 ಲಕ್ಷಕ್ಕೆ ಕಡಿಮೆಯಿಲ್ಲದಂತೆ ಕೊಡಬೇಕು. ತಿಂಗಳಿಗೆ 26–27 ಸಾವಿರ ಆಯಿತು. ಹನ್ನೊಂದನೆಯವಳಿಗೆ ಈ ರಕ್ಷಣೆ ಇಲ್ಲ ಎಂಬುದನ್ನೂ ಗಮನಿಸಿ. ಆದ್ದರಿಂದ ಓದು ಬಿಡಿಸಿ ಆಟಕ್ಕೆ ಕಳಿಸಬೇಡಿ. ಪದವಿ ಇದ್ದರೆ ರೈಲ್ವೆ, ಪೊಲೀಸ್, ಅರೆಸೇನಾ ಪಡೆಗಳ ಕ್ರೀಡಾ ಕೋಟಾ, ಮುಂದೆ ಕೋಚಿಂಗ್ ಲೈಸೆನ್ಸ್, ರೆಫರಿ ಕೆಲಸ ಎಲ್ಲವೂ ತೆರೆದಿರುತ್ತವೆ.

ಮೇಲೆ ಹೋಗಲು ಎರಡು ಏಣಿಗಳಿವೆ. ಒಂದು ಶಾಲೆಯದು: ತಾಲ್ಲೂಕು, ಜಿಲ್ಲೆ, ವಿಭಾಗ, ರಾಜ್ಯ. ಶಿವಮೊಗ್ಗ ಜಿಲ್ಲೆ ಬೆಂಗಳೂರು ವಿಭಾಗಕ್ಕೆ ಸೇರುತ್ತದೆ, ಚಿಕ್ಕಮಗಳೂರು ಮೈಸೂರು ವಿಭಾಗಕ್ಕೆ. ಆಗುಂಬೆಯ ಹುಡುಗಿ, ಶೃಂಗೇರಿಯ ಹುಡುಗಿ ಎದುರಾಗಬೇಕಾದರೆ ರಾಜ್ಯಮಟ್ಟಕ್ಕೇ ಹೋಗಬೇಕು! ಇನ್ನೊಂದು ಏಣಿ ಕರ್ನಾಟಕ ರಾಜ್ಯ ಫುಟ್‌ಬಾಲ್ ಸಂಸ್ಥೆಯದು: ಕ್ಲಬ್ಬು, ರಾಜ್ಯದ ಮಹಿಳಾ ಲೀಗ್, ಸಬ್‌ಜೂನಿಯರ್ ಮತ್ತು ಜೂನಿಯರ್ ರಾಜ್ಯ ತಂಡ. ಶಾಲೆಯ ಏಣಿ ಕೊಡುವ ಪ್ರಮಾಣಪತ್ರ ಕಾಲೇಜು ಸೀಟಿಗೆ, ನೌಕರಿಗೆ ಬೇಕಾಗುತ್ತದೆ. ಆದರೆ ಕ್ಲಬ್ಬಿನವರು ಆಟಗಾರ್ತಿಯರನ್ನು ಹುಡುಕುವುದು ಹೆಚ್ಚಾಗಿ ಎರಡನೆಯದರಲ್ಲಿ. ನಮ್ಮ ಕಡೆಯ ಮಕ್ಕಳು ಮೊದಲನೆಯದನ್ನು ಮಾತ್ರ ಹತ್ತಿ, ಹತ್ತನೇ ಕ್ಲಾಸಿಗೆ ಇಳಿದುಬಿಡುತ್ತಾರೆ. 14–15ರ ಹೊತ್ತಿಗೆ ಮಗಳು ಯಾವುದಾದರೂ ಕ್ಲಬ್ಬಿನ ಮೂಲಕ ಫೆಡರೇಷನ್ನಿನ ಕೇಂದ್ರೀಕೃತ ನೋಂದಣಿ ವ್ಯವಸ್ಥೆಯಲ್ಲಿ ಹೆಸರು ಹಚ್ಚಿಸಿರಬೇಕು.

ಆ ನೋಂದಣಿಯಲ್ಲಿ ತೊಡಕಾಗುವುದು ಕಾಗದಪತ್ರ. ಜನನ ಪ್ರಮಾಣಪತ್ರದಲ್ಲಿ ಅಪ್ಪನ ಹೆಸರು, ಆಧಾರಿನಲ್ಲಿ ಇನಿಷಿಯಲ್, ಶಾಲೆಯಲ್ಲಿ ಊರ ಹೆಸರು: ಮೂರೂ ಬೇರೆ ಬೇರೆ ಇದ್ದರೆ ಅರ್ಜಿ ವಾಪಸು ಬರುತ್ತದೆ. ಎಸ್ಸೆಸ್ಸೆಲ್ಸಿ ಅಂಕಪಟ್ಟಿ ಮುದ್ರಣವಾಗುವ ಮೊದಲೇ ಮೂರನ್ನೂ ಒಂದು ಮಾಡಿಸಿ. ಆಮೇಲೆ ತಿದ್ದಿಸುವುದು ದೊಡ್ಡ ರಗಳೆ. ವಯಸ್ಸು ಕಡಿಮೆ ತೋರಿಸುವ ಕೆಲಸಕ್ಕಂತೂ ಕೈ ಹಾಕಬೇಡಿ. ವಯೋಮಿತಿ ಟೂರ್ನಿಗಳಲ್ಲಿ ಎಡಗೈ ಮಣಿಕಟ್ಟಿನ ಎಕ್ಸ್‌ರೇ ತೆಗೆಸಿ ಮೂಳೆಯ ವಯಸ್ಸು ನೋಡುವುದುಂಟು.

ಹುಡುಗರ ಜೊತೆ ಆಡುವುದನ್ನು ನಿಲ್ಲಿಸಬೇಡಿ. ವೇಗದ ಆಟ ಕಲಿಯಲು ಅದಕ್ಕಿಂತ ಒಳ್ಳೆಯ ದಾರಿ ಹಳ್ಳಿಯಲ್ಲಿಲ್ಲ. ಜೊತೆಗೆ ಅಡಿಕೆ ಅಂಗಳದ ಗೋಡೆ ಇದೆಯಲ್ಲ, ಅದು ಒಳ್ಳೆಯ ಮೇಷ್ಟ್ರು: ಐದು ಹೆಜ್ಜೆ ದೂರದಿಂದ ಬಲಗಾಲಿನ ಒಳಬದಿಯಲ್ಲಿ 50, ಎಡಗಾಲಿನಲ್ಲಿ 50, ಹೀಗೆ ದಿನಕ್ಕೆ ಮೂರು ಸುತ್ತು. ಚೆಂಡು ಕಾಲಿಗೆ ಬರುವ ಮೊದಲು ಒಮ್ಮೆ ಹೆಗಲ ಮೇಲಿಂದ ಹಿಂದೆ ನೋಡುವ ಅಭ್ಯಾಸವನ್ನೂ ಸೇರಿಸಿ. ಆಯ್ಕೆಗಾರರು ಮೊದಲು ಗಮನಿಸುವುದು ಇದನ್ನೇ, ಎಷ್ಟು ಜೋರಾಗಿ ಒದೆಯುತ್ತಾಳೆ ಎಂಬುದನ್ನಲ್ಲ. (ಅಡಿಕೆ ಒಣಹಾಕಿದ ತಿಂಗಳುಗಳಲ್ಲಿ ಬೇರೆ ಗೋಡೆ ಹುಡುಕಿಕೊಳ್ಳಲಿ. ಇಲ್ಲದಿದ್ದರೆ ಆಟ ಬಿಡಿಸುವವರು ಮನೆಯಲ್ಲೇ ಇರುತ್ತಾರೆ.)

ಬೇರೆ ರಾಜ್ಯದ ಕ್ಲಬ್ಬೊಂದು ಒಂದು ಋತುವಿಗೆ ಕರೆದಿದೆ. ನನಗೆ 17. ಕಳಿಸಿರುವ ಕರಾರುಪತ್ರ ಎರಡೇ ಪುಟ ಇದೆ. ಸಹಿ ಹಾಕುವ ಮೊದಲು ಏನೇನು ನೋಡಬೇಕು?
– ಪಿಯು ವಿದ್ಯಾರ್ಥಿನಿ, ಸಾಗರ

ಎರಡು ಪುಟ ಇರುವುದು ತಪ್ಪಲ್ಲ, ಅದರಲ್ಲಿ ಏನು ಬಿಟ್ಟಿದ್ದಾರೆ ನೋಡಿ. ಮೊದಲನೆಯದು ತಾರೀಖು. ಕರಾರು ಎಂದು ಶುರು, ಎಂದು ಕೊನೆ, ಸಂಬಳ ಎಷ್ಟು ತಿಂಗಳು, ಪ್ರತಿ ತಿಂಗಳ ಯಾವ ದಿನದೊಳಗೆ. ‘ಋತುವಿಗೆ ಇಷ್ಟು’ ಎಂದಷ್ಟೇ ಬರೆದಿದ್ದರೆ ಒಪ್ಪಬೇಡಿ. ಲೀಗ್ ಮುಂದಕ್ಕೆ ಹೋದರೆ ಸಂಬಳವೂ ಮುಂದಕ್ಕೆ ಹೋಗುತ್ತದೆ. ಊಟ, ವಸತಿ, ರೈಲು ಖರ್ಚು ಸಂಬಳದ ಒಳಗೋ ಹೊರಗೋ ಎಂಬುದು ಅಕ್ಷರದಲ್ಲಿ ಇರಲಿ.

ಎಲ್ಲರೂ ಮರೆಯುವುದು ಗಾಯದ ಕಲಮು. ಆಟದಲ್ಲೋ ಅಭ್ಯಾಸದಲ್ಲೋ ಪೆಟ್ಟಾದರೆ ಸ್ಕ್ಯಾನ್, ಶಸ್ತ್ರಚಿಕಿತ್ಸೆ, ಫಿಸಿಯೋ ಖರ್ಚು ಯಾರದು? ಆ ತಿಂಗಳುಗಳ ಸಂಬಳ ಬರುತ್ತದೆಯೇ? ‘ಆಟಗಾರ್ತಿ ಆಡಲು ಅಸಮರ್ಥಳಾದರೆ ಕರಾರು ರದ್ದು’ ಎಂಬ ಸಾಲು ಕಂಡರೆ ತೆಗೆಸಿ. ತೆಗೆಯಲು ಒಪ್ಪದಿದ್ದರೆ ಹೋಗಬೇಡಿ, ಅದೊಂದೇ ಕಾರಣ ಸಾಕು. ‘ವಿಮೆ ಇದೆ’ ಎಂದರೆ ಪಾಲಿಸಿ ಸಂಖ್ಯೆ, ಮೊತ್ತ ಕೇಳಿ. ಪರೀಕ್ಷೆ ದಿನಗಳಿಗೆ ರಜೆ ಕೊಡುವುದನ್ನೂ ಈಗಲೇ ಬರೆಸಿಕೊಳ್ಳಿ.

ನಿಮಗಿನ್ನೂ 18 ತುಂಬಿಲ್ಲ, ಹಾಗಾಗಿ ಅಪ್ಪ ಅಥವಾ ಅಮ್ಮ ಸಹಿ ಹಾಕಬೇಕು. ವಿಶ್ವ ಫುಟ್‌ಬಾಲ್ ಸಂಸ್ಥೆ ಫಿಫಾದ ನಿಯಮದಂತೆ 18ರ ಒಳಗಿನವರ ಕರಾರು ಮೂರು ವರ್ಷ ಮೀರುವಂತಿಲ್ಲ. ಕ್ಲಬ್ಬಿನ ಸಹಿ, ಮೊಹರು ಇರುವ ಒಂದು ಪ್ರತಿ ಅವತ್ತೇ ನಿಮ್ಮ ಕೈಗೆ ಬರಬೇಕು. ‘ಆಮೇಲೆ ಮೇಲ್ ಮಾಡ್ತೀವಿ’ ಎಂದರೆ ಸಾಲದು. ಸಂಬಳ ಬ್ಯಾಂಕಿಗೇ ಬರಲಿ. ಎರಡು ತಿಂಗಳ ಸಂಬಳ ಬಾಕಿಯಾದರೆ ಬರಹದಲ್ಲಿ ನೋಟಿಸು ಕೊಟ್ಟು ಕನಿಷ್ಠ 15 ದಿನ ಗಡುವು ಕೊಡಿ. ಆಗಲೂ ಕೊಡದಿದ್ದರೆ ಕರಾರು ಮುರಿಯಲು ಅದು ನ್ಯಾಯವಾದ ಕಾರಣ ಎಂದು ಫಿಫಾ ನಿಯಮ ಹೇಳುತ್ತದೆ. ನೋಟಿಸು ಕೊಡದೆ ರಾತ್ರೋರಾತ್ರಿ ಬಸ್ಸು ಹತ್ತಿ ಊರಿಗೆ ಬಂದರೆ ತಪ್ಪು ನಿಮ್ಮ ತಲೆಗೇ ಬರುತ್ತದೆ. ಒಂದೇ ಅವಧಿಗೆ ಎರಡು ಕ್ಲಬ್ಬಿಗೆ ಸಹಿ ಹಾಕುವುದೂ ಅಷ್ಟೇ, ಶಿಕ್ಷೆ ಕಾದಿರುತ್ತದೆ.

ಜೂನ್‌ನಿಂದ ಸೆಪ್ಟೆಂಬರ್ ತನಕ ನಮ್ಮ ಮೈದಾನ ಕೆಸರುಗದ್ದೆ. ಬೂಟು ಎರಡೇ ತಿಂಗಳಿಗೆ ಬಾಯಿ ಬಿಡುತ್ತದೆ. ಯಾವುದು ಕೊಡಿಸಬೇಕು?
– ದೈಹಿಕ ಶಿಕ್ಷಕರು, ಹೊಸನಗರ

ಬೂಟು ಬಾಯಿ ಬಿಡಲು ಕಾರಣ ಮಳೆಗಿಂತ ಹೆಚ್ಚಾಗಿ ಬಚ್ಚಲ ಒಲೆ. ಒದ್ದೆ ಬೂಟನ್ನು ಹಂಡೆಯ ಪಕ್ಕ ಇಟ್ಟರೆ ಅಡಿಯ ಅಂಟು ಮೆತ್ತಗಾಗಿ ಅಟ್ಟೆ ಬಿಡುತ್ತದೆ. ಕೆಸರು ತೊಳೆದು, ಒಳಗಿನ ಮೆತ್ತೆ ಹೊರತೆಗೆದು, ಹಳೇ ಪೇಪರು ತುರುಕಿ ಗಾಳಿಯಾಡುವ ಕಡೆ ಇಡಿಸಿ. ಎರಡು ಗಂಟೆಗೊಮ್ಮೆ ಪೇಪರು ಬದಲಿಸಿದರೆ ಬೆಳಗಿನ ಹೊತ್ತಿಗೆ ಆರಿರುತ್ತದೆ.

ಜಂಬಿಟ್ಟಿಗೆ ಮಣ್ಣಿನ ಗಟ್ಟಿ ನೆಲಕ್ಕೆ ಅಟ್ಟೆಯ ಜೊತೆಗೇ ಎರಕವಾದ ಗಿಡ್ಡ ಪ್ಲಾಸ್ಟಿಕ್ ಸ್ಟಡ್ಡಿನ (ಅಡಿಯ ಗುಬ್ಬಿಯ) ಬೂಟು ಸಾಕು; ಇದಕ್ಕೆ ಎಫ್‌ಜಿ, ಅಂದರೆ ಗಟ್ಟಿ ನೆಲದ ಬೂಟು ಎನ್ನುತ್ತಾರೆ. ಆರು ಲೋಹದ ಸ್ಟಡ್ಡಿನ ಎಸ್‌ಜಿ (ಮೆತ್ತನೆ ನೆಲದ) ಬೂಟು ಆಳ ಕೆಸರಿಗೆ ಮಾತ್ರ. ಅದನ್ನು ಗಟ್ಟಿ ನೆಲದಲ್ಲಿ ಹಾಕಿಸಿದರೆ ಹಿಮ್ಮಡಿ ನೋವು ಖಂಡಿತ. ಇರುವ ದುಡ್ಡಿಗೆ ಒಂದೇ ಜೊತೆ ಎಂದಾದರೆ ಎಫ್‌ಜಿಯನ್ನೇ ಕೊಳ್ಳಿ. ಗಂಡಸರ ಸಣ್ಣ ಸೈಜು ಕೊಡಿಸುವಾಗ ಹಿಮ್ಮಡಿ ಜಾರುತ್ತದೆಯೇ ನೋಡಿ, ಹುಡುಗಿಯರ ಹಿಮ್ಮಡಿ ಸಾಮಾನ್ಯವಾಗಿ ಕಿರಿದು. ಆಟದ ಕಾಲುಚೀಲ ಹಾಕಿಸಿಯೇ ಅಳತೆ ನೋಡಿ.

12ರ ತನಕ 4ನೇ ನಂಬರಿನ ಚೆಂಡು, ಆಮೇಲೆ 5. ನಿಯಮದ ಪ್ರಕಾರ 5ನೇ ನಂಬರಿನ ಒತ್ತಡ 0.6ರಿಂದ 1.1 ಬಾರ್. ಮಳೆಗಾಲದಲ್ಲಿ 0.7ರ ಆಸುಪಾಸು ಇಡಿ; ನೀರು ಕುಡಿದು ಭಾರವಾದ, ಕಲ್ಲಿನಂಥ ಚೆಂಡಿಗೆ ಎಳೆಯರು ಹಣೆ ಕೊಡಬಾರದು. ಸೊಂಟದೆತ್ತರದಿಂದ ಬಿಟ್ಟ ಚೆಂಡು ಪುಟಿಯದೆ ಕೂತರೆ ಅವತ್ತು ಪಂದ್ಯ ಬೇಡ, ಶಾಲೆಯ ಜಗುಲಿಯಲ್ಲಿ ಕಸರತ್ತು ಮಾಡಿಸಿ. ಮಿಂಚು ಕಂಡ 30 ಸೆಕೆಂಡಿನೊಳಗೆ ಗುಡುಗು ಕೇಳಿದರೆ ಮೈದಾನ ಖಾಲಿ ಮಾಡಿ. ಕೊನೆಯ ಗುಡುಗಿನ ನಂತರ 30 ನಿಮಿಷ ಕಾಯಿರಿ.

ಕಾಲ್ಬೆರಳ ಸಂದಿಯ ಕೆಸರುಹುಣ್ಣಿಗೆ ಒಣ ಕಾಲುಚೀಲದ ಎರಡನೇ ಜೊತೆಯೇ ಮದ್ದು. ಇಂಬಳ (ಜಿಗಣೆ) ಹತ್ತದಂತೆ ಮಾಡುವ ಉಪಾಯ ನಿಮಗೇ ಚೆನ್ನಾಗಿ ಗೊತ್ತು.

ಅಭ್ಯಾಸದಲ್ಲಿ ತಿರುಗುವಾಗ ಮಗಳ ಮೊಣಕಾಲಲ್ಲಿ ‘ಟಕ್’ ಎಂದಿತು, ಒಂದು ಗಂಟೆಯಲ್ಲಿ ಬಾತಿತು. ವಾರದಲ್ಲಿ ಊತ ಇಳಿದಿದೆ, ನಡೆಯುತ್ತಾಳೆ. ಮತ್ತೆ ಆಡಬಹುದಾ?
– ಭದ್ರಾವತಿ

ಬೇಡ. ಶಬ್ದ, ಎರಡು ಗಂಟೆಯೊಳಗಿನ ಊತ, ಯಾರೂ ಗುದ್ದದೆ ಆದ ಪೆಟ್ಟು: ಈ ಮೂರೂ ಸೇರಿದರೆ ಎಸಿಎಲ್ ಎಂಬ ಒಳ ರಜ್ಜು ಹರಿದಿರುವ ಸಂಭವ ಹೆಚ್ಚು. ಈ ಗಾಯ ಹುಡುಗರಿಗಿಂತ ಹುಡುಗಿಯರಲ್ಲಿ ಎರಡು ಪಟ್ಟಿಗೂ ಹೆಚ್ಚು. ರಜ್ಜು ಹರಿದವರೂ ನೇರ ನಡೆಯಬಲ್ಲರು. ತಿರುಗಿದಾಗ ಮೊಣಕಾಲು ಜಾರುತ್ತದೆ, ಆಗ ಒಳಗಿನ ಮೆನಿಸ್ಕಸ್ (ಮೂಳೆಗಳ ನಡುವಿನ ಮೆತ್ತೆ) ಕೂಡ ಹಾಳಾಗುತ್ತದೆ. ನಾಟಿ ವೈದ್ಯರಲ್ಲಿ ಎಳೆಸಿ ಕಟ್ಟಿಸಬೇಡಿ. ಮೂಳೆ ತಜ್ಞರಿಗೆ ತೋರಿಸಿ, ಅವರು ಹೇಳಿದರೆ ಎಂಆರ್‌ಐ ಮಾಡಿಸಿ. ಶಸ್ತ್ರಚಿಕಿತ್ಸೆಯಾದರೆ ಪಂದ್ಯಕ್ಕೆ ಮರಳಲು ಕನಿಷ್ಠ 9 ತಿಂಗಳು. ತಿಂಗಳು ತುಂಬಿದರೆ ಸಾಲದು, ಎರಡೂ ತೊಡೆಗಳ ಬಲ ಹೆಚ್ಚುಕಡಿಮೆ ಸಮ ಆಗಿರಬೇಕು.

ತಂಡದ ಉಳಿದ ಮಕ್ಕಳಿಗೆ, ಗಾಯ ತಡೆಯಲೆಂದೇ ಇರುವ ‘ಫಿಫಾ 11+’ ಕಸರತ್ತು ಮಾಡಿಸಿ: 8 ನಿಮಿಷ ನಿಧಾನ ಓಟ, 10 ನಿಮಿಷ ಬಲ, ಜಿಗಿತ, ಸಮತೋಲನ, ಕೊನೆಗೆ 2 ನಿಮಿಷ ವೇಗದ ಓಟ. ವಾರಕ್ಕೆ ಕನಿಷ್ಠ ಎರಡು ಸಲ. ಜಿಗಿದು ಇಳಿಯುವಾಗ ಮೊಣಕಾಲುಗಳು ಒಂದಕ್ಕೊಂದು ವಾಲದೆ ಪಾದದ ಬೆರಳಿನ ನೇರಕ್ಕೆ ಇರಬೇಕು. ಇದನ್ನು ಎದುರು ನಿಂತು ನೋಡದಿದ್ದರೆ ಕಸರತ್ತು ವ್ಯರ್ಥ.

ತಿಂಗಳ ಮುಟ್ಟು ನಾಲ್ಕು ತಿಂಗಳಿಂದ ನಿಂತಿದೆ. ಆಟಗಾರ್ತಿಯರಿಗೆ ಹಾಗಾಗುತ್ತೆ ಅಂತಾರೆ, ಹೌದಾ?
– ಶಿವಮೊಗ್ಗ

ಆಗುತ್ತದೆ, ಆದರೆ ಅದು ಸರಿಯಲ್ಲ. ಮೂರು ತಿಂಗಳು ಮೀರಿದರೆ ವೈದ್ಯರನ್ನು ಕಾಣಿ. ಹಲವು ಸಲ ಇದರ ಮೂಲ ಅಭ್ಯಾಸಕ್ಕೆ ತಕ್ಕಷ್ಟು ಉಣ್ಣದಿರುವುದು, ಮುಂದಿನ ಹೆಜ್ಜೆ ಮೂಳೆ ಬಿರುಕು. ಹಿಮೋಗ್ಲೋಬಿನ್ ಕೂಡ ನೋಡಿಸಿ, 12ಕ್ಕಿಂತ ಕಡಿಮೆ ಇದ್ದರೆ ರಕ್ತಹೀನತೆ. ಊಟದ ಜೊತೆ ಕಾಫಿ ಬಿಟ್ಟು ಒಂದು ಗಂಟೆ ಕಳೆದು ಕುಡಿಯಿರಿ. ಹುರುಳಿ ಸಾರಿಗೆ ನಿಂಬೆ ಹಿಂಡಿಕೊಂಡರೆ ಕಬ್ಬಿಣ ಮೈಗೆ ಹತ್ತುತ್ತದೆ.

ಕೆಮ್ಮಿಗೆ ಅಂಗಡಿ ಸಿರಪ್ ಕುಡಿದರೆ ಡೋಪಿಂಗಿನಲ್ಲಿ ಸಿಕ್ಕಿಬೀಳುತ್ತೇವಾ?
– ಶಿಕಾರಿಪುರ

ಬೀಳಬಹುದು. ನಮ್ಮಲ್ಲಿ ಸಿಗುವ ಹಲವು ಕಫದ ಸಿರಪ್‌ಗಳಲ್ಲಿ ಟರ್ಬ್ಯುಟಲಿನ್ ಇರುತ್ತದೆ, ಅದು ಸದಾ ನಿಷಿದ್ಧ. ಅಲರ್ಜಿ, ಉಬ್ಬಸ, ಊತಕ್ಕೆ ಕೊಡುವ ಸ್ಟೆರಾಯ್ಡ್ ಮಾತ್ರೆ, ಇಂಜೆಕ್ಷನ್ ಕೂಡ ಪಂದ್ಯದ ಹೊತ್ತಿನಲ್ಲಿ ನಿಷಿದ್ಧ. ಸೀಸೆಯ ಹೆಸರು ನೋಡಿದರೆ ತಿಳಿಯದು, ಸಣ್ಣಕ್ಷರದ ಪಟ್ಟಿ ಓದಿ. ವೈದ್ಯರಿಗೆ ‘ನಾನು ಆಟಗಾರ್ತಿ’ ಎಂದು ಮೊದಲೇ ಹೇಳಿ.

ಹಣ ಕಟ್ಟಿದರೆ ಯುರೋಪಿನಲ್ಲಿ ಟ್ರಯಲ್ ಕೊಡಿಸುತ್ತೇವೆ ಎಂದು ಒಬ್ಬರು ಫೋನು ಮಾಡುತ್ತಿದ್ದಾರೆ. ತಂಗಿಗೆ 16.
– ಕೊಪ್ಪ

ಕಟ್ಟಬೇಡಿ. ಕೆಲವೇ ವಿನಾಯಿತಿ ಬಿಟ್ಟರೆ 18ರ ಒಳಗಿನವರನ್ನು ಬೇರೆ ದೇಶದ ಕ್ಲಬ್ಬಿಗೆ ವರ್ಗಾಯಿಸಲು ಫಿಫಾ ಬಿಡುವುದಿಲ್ಲ. 2020ರಲ್ಲಿ ಸ್ಕಾಟ್ಲೆಂಡಿನ ರೇಂಜರ್ಸ್ ಕ್ಲಬ್ಬು ಸೇರಿದ ಬಾಲಾ ದೇವಿ, 2022ರಲ್ಲಿ ಸೈಪ್ರಸ್ಸಿನ ಅಪೊಲೊನ್ ಕ್ಲಬ್ಬು ಸೇರಿ ಯುರೋಪಿನ ಕ್ಲಬ್ಬುಗಳ ಚಾಂಪಿಯನ್ಸ್ ಲೀಗ್ ಆಡಿದ ಮನಿಷಾ ಕಲ್ಯಾಣ್, ಇಬ್ಬರೂ ಮೊದಲು ಭಾರತ ತಂಡದಲ್ಲಿ ಆಡಿ ಹೆಸರು ಮಾಡಿದವರು. ಫೋನು ಮಾಡುವವರ ಫಿಫಾ ಏಜೆಂಟ್ ಪರವಾನಗಿ ಸಂಖ್ಯೆ ಕೇಳಿ. ಅಲ್ಲಿಗೇ ಬಹಳಷ್ಟು ಫೋನುಗಳು ನಿಂತುಹೋಗುತ್ತವೆ.