ರೇಡಿಯಂ ಕುಡಿದವರು, ರೇಡಿಯಂ ಬಳಿದವರು

ಮೇರಿ ಮತ್ತು ಪಿಯರ್ ಕ್ಯೂರಿ ದಂಪತಿ 1898ರಲ್ಲಿ ರೇಡಿಯಂ ಪತ್ತೆಹಚ್ಚಿದ ಬಗೆಯನ್ನು ಕಳೆದ ಸಂಚಿಕೆಯಲ್ಲಿ ಬರೆದಿದ್ದೆ. ಬಂದ ಪತ್ರಗಳಲ್ಲಿ ಹೆಚ್ಚಿನವರು ಕೇಳಿದ್ದು ಒಂದೇ ವಿಷಯ: ಆಮೇಲೆ ಜನರು ಅದನ್ನು ಏನು ಮಾಡಿದರು? ಆಸ್ಪತ್ರೆಯ ವಿಕಿರಣ ಚಿಕಿತ್ಸಾ ವಿಭಾಗದಲ್ಲಿ ಸುರಕ್ಷತಾಧಿಕಾರಿಯಾಗಿದ್ದು ನಿವೃತ್ತಳಾದ ನನಗೆ ಇದು ಮನಸ್ಸಿಗೆ ತೀರ ಹತ್ತಿರದ ಪ್ರಶ್ನೆ. ಆಯ್ದ ಕೆಲವು ಪತ್ರಗಳಿಗೆ ಇಲ್ಲಿ ಉತ್ತರಿಸಿದ್ದೇನೆ.

ಪ್ರಶ್ನೆ: ಮೇಡಂ, ತಾತನ ಹಳೆಯ ಕೈಗಡಿಯಾರ ಪೆಟ್ಟಿಗೆಯಲ್ಲಿ ಸಿಕ್ಕಿತು. ಅದರ ಅಂಕಿಗಳು ರಾತ್ರಿಯೆಲ್ಲ ಹಸಿರಾಗಿ ಹೊಳೆಯುತ್ತಿದ್ದವು ಎಂದು ಅಮ್ಮ ಹೇಳುತ್ತಾರೆ. ಈಗ ಹೊಳೆಯುವುದಿಲ್ಲ. ಅದರಲ್ಲಿದ್ದ ರೇಡಿಯಂ ಮುಗಿದುಹೋಗಿದೆ ಎಂದುಕೊಂಡು ಬಿಚ್ಚಿ ಒರೆಸಬಹುದೇ?

ಉತ್ತರ: ದಯವಿಟ್ಟು ಬಿಚ್ಚಬೇಡಿ. ಸೋತಿರುವುದು ರೇಡಿಯಂ ಅಲ್ಲ, ಅದರ ಜೊತೆಗೆ ಬೆರೆಸಿದ್ದ ಜಿಂಕ್ ಸಲ್ಫೈಡ್. ರೇಡಿಯಂ ಹೊರಹಾಕುವ ಆಲ್ಫಾ ಕಣಗಳು ಬಡಿದಾಗ ಬೆಳಕು ಚೆಲ್ಲುವುದು ಜಿಂಕ್ ಸಲ್ಫೈಡಿನ ಹರಳು. ವರ್ಷಗಟ್ಟಲೆ ಪೆಟ್ಟು ತಿಂದು ಆ ಹರಳು ಹಾಳಾಗುತ್ತದೆ. ರೇಡಿಯಂನ ಅರ್ಧಾಯು, ಅಂದರೆ ಇದ್ದದ್ದರಲ್ಲಿ ಅರ್ಧ ಕಡಿಮೆಯಾಗಲು ಬೇಕಾದ ಕಾಲ, ಸುಮಾರು 1600 ವರ್ಷ. ಎಂಬತ್ತು ವರ್ಷಗಳಲ್ಲಿ ಅದು ನೂರರಲ್ಲಿ ನಾಲ್ಕು ಪಾಲೂ ಕಡಿಮೆಯಾಗುವುದಿಲ್ಲ. ಒಣಗಿದ ಬಣ್ಣ ಪುಡಿಯಾಗಿ ಉಸಿರಿನೊಂದಿಗೆ ಅಥವಾ ಬೆರಳಿಂದ ಬಾಯಿಗೆ ಹೋಗುವುದೇ ದೊಡ್ಡ ಅಪಾಯ. ಗಾಜು ಭದ್ರವಾಗಿದ್ದರೆ ಗಡಿಯಾರವನ್ನು ಮುಚ್ಚಿದ ಚೀಲದಲ್ಲಿ ಹಾಕಿ, ಮಲಗುವ ಕೋಣೆಯಿಂದ ದೂರ, ಗಾಳಿಯಾಡುವ ಕಡೆ ಇಡಿ. ರೇಡಿಯಂನಿಂದ ರೇಡಾನ್ ಎಂಬ ಅನಿಲ ಹುಟ್ಟುತ್ತಲೇ ಇರುತ್ತದೆ. ಡಯಲ್‌ನ ಕೆಳಗೆ ‘ಟಿ’ ಅಕ್ಷರವಿದ್ದರೆ ಅದು ಟ್ರಿಟಿಯಂ ಎಂಬ ಬೇರೊಂದು ವಿಕಿರಣಶೀಲ ವಸ್ತು ಬಳಿದ, ಆಮೇಲಿನ ಕಾಲದ ಗಡಿಯಾರ. ಕೈಗಡಿಯಾರಗಳಿಗೆ ರೇಡಿಯಂ ಬಳಿಯುವುದು 1960ರ ದಶಕದಲ್ಲಿ ಹೆಚ್ಚುಕಡಿಮೆ ನಿಂತುಹೋಯಿತು.

ಪ್ರಶ್ನೆ: ಓದು ಬರಹ ಬಲ್ಲವರೂ ರೇಡಿಯಂ ಬೆರೆಸಿದ ನೀರನ್ನು ಔಷಧಿ ಎಂದು ಕುಡಿದರಂತೆ. ಇಷ್ಟು ದಡ್ಡತನ ಹೇಗೆ ಸಾಧ್ಯ?

ಉತ್ತರ: ದಡ್ಡತನ ಎಂಬ ಮಾತನ್ನು ನಾನು ಬಳಸಲಾರೆ. ಆ ಕಾಲದವರ ಕಣ್ಣಿನಿಂದ ಒಮ್ಮೆ ನೋಡಿ. ಚಿಟಿಕೆ ಉಪ್ಪಿನಷ್ಟು ವಸ್ತು, ಯಾರೂ ಮುಟ್ಟದೆಯೇ ಬೆಳಗುತ್ತದೆ. ಅದು ತನ್ನಷ್ಟೇ ತೂಕದ ಮಂಜುಗಡ್ಡೆಯನ್ನು ಸುಮಾರು ಒಂದು ಗಂಟೆಯಲ್ಲಿ ಕರಗಿಸುವಷ್ಟು ಶಾಖ ಕೊಡುತ್ತದೆ, ಮತ್ತೆ ಮರುಗಂಟೆಯೂ ಅಷ್ಟೇ ಕೊಡುತ್ತದೆ ಎಂದು 1903ರಲ್ಲಿ ಪಿಯರ್ ಕ್ಯೂರಿ ಮತ್ತು ಲಾಬೋರ್ಡ್ ಅಳೆದು ತೋರಿಸಿದರು. ವಿಕಿರಣಶೀಲತೆಯನ್ನು ಮೊದಲು ಕಂಡ ವಿಜ್ಞಾನಿ ಬೆಕೆರೆಲ್ ಅಂಗಿಯ ಕಿಸೆಯಲ್ಲಿ ರೇಡಿಯಂ ನಳಿಕೆ ಇಟ್ಟುಕೊಂಡು ಓಡಾಡಿದ್ದರಿಂದ ಚರ್ಮ ಸುಟ್ಟಿತು. ಪಿಯರ್ ಬೇಕೆಂದೇ ತಮ್ಮ ತೋಳಿಗೆ ಕಟ್ಟಿಕೊಂಡು ಗಾಯ ಮಾಡಿಕೊಂಡರು. ಚರ್ಮವನ್ನು ಸುಡಬಲ್ಲದ್ದು ಗಂತಿಯನ್ನೂ (ಕ್ಯಾನ್ಸರ್ ಗಡ್ಡೆಯನ್ನೂ) ಸುಡಬಹುದು ಎಂಬ ಯೋಚನೆ ಅಲ್ಲಿಂದ ಹುಟ್ಟಿತು, ಮತ್ತು ಅದು ಸರಿಯಾದ ಯೋಚನೆ. ಕ್ಯಾನ್ಸರ್ ರೋಗಿಗಳಿಗೆ ರೇಡಿಯಂ ನಿಜವಾಗಿಯೂ ನೆರವಾಯಿತು. ನನ್ನ ವೃತ್ತಿಯ ಹಿರಿಯರು ರೇಡಿಯಂ ಸೂಜಿಗಳನ್ನು ಚಿಮಟದಲ್ಲಿ ಹಿಡಿದು ಕೆಲಸ ಮಾಡಿದವರು.

ಇನ್ನೊಂದು ಸಂಗತಿಯೂ ಸೇರಿಕೊಂಡಿತು. 1903ರಲ್ಲಿ ಬ್ರಿಟನ್ನಿನ ಭೌತವಿಜ್ಞಾನಿ ಜೆ.ಜೆ. ಥಾಮ್ಸನ್ ಬಾವಿಯ ನೀರಿನಲ್ಲಿ ವಿಕಿರಣಶೀಲ ಅನಿಲವನ್ನು, ಅಂದರೆ ರೇಡಾನನ್ನು, ಕಂಡರು. ಹೆಸರುವಾಸಿಯಾದ ಹಲವು ಬಿಸಿನೀರಿನ ಬುಗ್ಗೆಗಳಲ್ಲೂ ಅದೇ ಅನಿಲ ಸಿಕ್ಕಿತು. ಬುಗ್ಗೆಯಲ್ಲಿ ಮಿಂದರೆ ಕಾಯಿಲೆ ವಾಸಿಯಾಗುತ್ತದೆ ಎಂದು ಯುರೋಪಿನವರು ಶತಮಾನಗಳಿಂದ ನಂಬಿದ್ದರು. ಆ ಗುಟ್ಟು ಈಗ ತಿಳಿಯಿತು ಎಂದುಕೊಂಡರು! ಕ್ಯೂರಿ ದಂಪತಿಗೆ ಅದಿರು ಒದಗಿಸಿದ ಬೊಹೀಮಿಯಾದ (ಇಂದಿನ ಚೆಕ್ ದೇಶದ) ಯೋಆಕಿಮ್ಸ್‌ಥಾಲ್ ಊರೇ ರೇಡಿಯಂ ಸ್ನಾನದ ಆರೋಗ್ಯಧಾಮವಾಯಿತು. ಅದೇ ಬೆಟ್ಟಸಾಲಿನ ಇನ್ನೊಂದು ಬದಿಯ ಶ್ನೇಬೆರ್ಗ್ ಗಣಿ ಕಾರ್ಮಿಕರು ಶ್ವಾಸಕೋಶದ ಗಂತಿಯಿಂದ ಸಾಯುತ್ತಿದ್ದಾರೆ ಎಂದು ಹರ್ಟಿಂಗ್ ಮತ್ತು ಹೆಸ್ಸೆ ಎಂಬ ವೈದ್ಯರು 1879ರಷ್ಟು ಹಿಂದೆಯೇ ವರದಿ ಮಾಡಿದ್ದರು. ಗಣಿಯೊಳಗಿನವರ ಕಾಯಿಲೆಗೂ ಸ್ನಾನದ ತೊಟ್ಟಿಗೂ ಸಂಬಂಧ ಕಲ್ಪಿಸಲು ಯಾರಿಗೂ ಮನಸ್ಸಾಗಲಿಲ್ಲ.

ಮನೆಯಲ್ಲೇ ಬುಗ್ಗೆ ಬೇಕೆನ್ನುವವರಿಗೆ ಅಮೆರಿಕದಲ್ಲಿ ‘ರೆವಿಗೇಟರ್’ ಎಂಬ ಹೂಜಿ ಬಂತು. ಒಳಮೈಗೆ ವಿಕಿರಣಶೀಲ ಅದಿರು ಮೆತ್ತಿದ ಪಾತ್ರೆ. ರಾತ್ರಿ ನೀರು ತುಂಬಿಟ್ಟು ಮರುದಿನ ಕುಡಿಯಬೇಕು. ಇಂತಹ ಸಾಧನಗಳನ್ನು ಪರೀಕ್ಷಿಸಿದ ಅಮೆರಿಕದ ವೈದ್ಯಕೀಯ ಸಂಘ, ನೀರಿಗೆ ಸಾಕಷ್ಟು ರೇಡಾನ್ ಬಿಡದವುಗಳನ್ನು ಮಾತ್ರ ತಿರಸ್ಕರಿಸಿತು. ವಂಚನೆ ಎಂದರೆ ರೇಡಿಯಂ ಇಲ್ಲದಿರುವುದು ಎಂಬಂತಹ ಕಾಲ ಅದು. ಗ್ರಾಮಿಗೆ ಒಂದು ಲಕ್ಷ ಡಾಲರ್ ಬೆಲೆಯ ರೇಡಿಯಂ ಅನ್ನು ಎಲ್ಲರೂ ಎಲ್ಲಿಂದ ತರುವುದು? ಹೆಸರನ್ನು ಮಾತ್ರ ಅಂಟಿಸಿಕೊಂಡ ಮಾಲುಗಳು ಎಷ್ಟೋ ಇದ್ದವು. ಆ ಸುಳ್ಳುಗಳು ಬಹಳ ಜನರನ್ನು ಉಳಿಸಿರಬೇಕು.

ಸುಳ್ಳಿರದ ಮಾಲು ‘ರೇಡಿಥಾರ್’. ಇದನ್ನು ನ್ಯೂಜೆರ್ಸಿಯ ಈಸ್ಟ್ ಆರೆಂಜ್‌ನಲ್ಲಿ ತಯಾರಿಸುತ್ತಿದ್ದ ವಿಲಿಯಂ ಬೈಲಿ ವೈದ್ಯನೇ ಆಗಿರಲಿಲ್ಲ. ಪುಟ್ಟ ಸೀಸೆಗೆ ಒಂದು ಡಾಲರ್. ಪಿಟ್ಸ್‌ಬರ್ಗ್‌ನ ಉಕ್ಕು ಉದ್ಯಮಿ, 1906ರ ಗಾಲ್ಫ್ ಚಾಂಪಿಯನ್ ಎಬೆನ್ ಬೈಯರ್ಸ್ ತೋಳಿನ ನೋವಿಗೆಂದು ವೈದ್ಯರ ಸಲಹೆಯಂತೆ ಇದನ್ನು ಕುಡಿಯಲು ತೊಡಗಿ, ಸಾವಿರಕ್ಕೂ ಹೆಚ್ಚು ಸೀಸೆ ಮುಗಿಸಿದರು. 1931ರಲ್ಲಿ ವ್ಯಾಪಾರದ ಮೋಸಗಳನ್ನು ವಿಚಾರಿಸುವ ಸರ್ಕಾರಿ ಸಂಸ್ಥೆ ಫೆಡರಲ್ ಟ್ರೇಡ್ ಕಮಿಷನ್ನಿನ ವಕೀಲರು ಹೇಳಿಕೆ ಪಡೆಯಲು ಅವರ ಮನೆಗೆ ಹೋದಾಗ, ಎರಡು ಮುಂಬಲ್ಲುಗಳನ್ನು ಬಿಟ್ಟು ಮೇಲ್ದವಡೆಯೇ ಇರಲಿಲ್ಲ. 1932ರ ಮಾರ್ಚ್ 31ರಂದು ತೀರಿಕೊಂಡರು. ಸಿರಿವಂತನೊಬ್ಬನ ಸಾವು ಪತ್ರಿಕೆಗಳ ಮುಖಪುಟಕ್ಕೆ ಬಂದ ಮೇಲೆ ರೇಡಿಯಂ ನೀರಿನ ವ್ಯಾಪಾರ ಕುಸಿಯಿತು. ಅಷ್ಟರಲ್ಲಿ ಹತ್ತು ವರ್ಷಗಳಿಂದ ಬಡ ಹುಡುಗಿಯರು ಅದೇ ರೀತಿ ಸಾಯುತ್ತಿದ್ದರು. ಮುಂದಿನ ಪತ್ರ ಅದರ ಬಗ್ಗೆಯೇ ಇದೆ.

ಪ್ರಶ್ನೆ: ಗಡಿಯಾರಕ್ಕೆ ರೇಡಿಯಂ ಬಳಿಯುವ ಹುಡುಗಿಯರು ಕುಂಚವನ್ನು ತುಟಿಯಲ್ಲಿ ಚೂಪು ಮಾಡುತ್ತಿದ್ದರು ಎಂದು ಓದಿದೆ. ಅಪಾಯ ಆಗ ಯಾರಿಗೂ ತಿಳಿದಿರಲಿಲ್ಲ, ಕಂಪನಿಯನ್ನು ದೂಷಿಸುವುದು ಸರಿಯಲ್ಲ ಎಂದು ನನ್ನ ಸಹೋದ್ಯೋಗಿ ವಾದಿಸುತ್ತಾರೆ. ನೀವೇನು ಹೇಳುತ್ತೀರಿ?

ಉತ್ತರ: ನಿಮ್ಮ ಸಹೋದ್ಯೋಗಿಯ ಮಾತನ್ನು ನಾನು ಒಪ್ಪುವುದಿಲ್ಲ. ಕಾರಣ ಹೇಳಲು ಸ್ವಲ್ಪ ಜಾಗ ಬೇಕು.

ಮೊದಲ ಮಹಾಯುದ್ಧದ ಹೊತ್ತಿಗೆ ಕತ್ತಲಲ್ಲಿ ಕಾಣುವ ಕೈಗಡಿಯಾರಗಳಿಗೆ, ಸೇನೆಯ ಉಪಕರಣಗಳಿಗೆ ಭಾರೀ ಬೇಡಿಕೆ ಬಂತು. ನ್ಯೂಜೆರ್ಸಿಯ ಆರೆಂಜ್‌ನಲ್ಲಿದ್ದ, ಮುಂದೆ ಯು.ಎಸ್. ರೇಡಿಯಂ ಕಾರ್ಪೊರೇಷನ್ ಎಂದು ಹೆಸರಾದ ಕಂಪನಿ ‘ಅನ್‌ಡಾರ್ಕ್’ ಎಂಬ ಬಣ್ಣ ತಯಾರಿಸುತ್ತಿತ್ತು. ಬಳಿಯಲು ಕುಳಿತವರು ಹೆಚ್ಚಾಗಿ ಹದಿಹರೆಯದ ಹುಡುಗಿಯರು. ಕೂಲಿ ಡಯಲ್ ಲೆಕ್ಕದಲ್ಲಿ. ಸಣ್ಣ ಅಂಕಿಯ ಅಂಚು ಕದಲದಂತೆ ಬಳಿಯಬೇಕಾದರೆ ಕುಂಚದ ತುದಿ ಸೂಜಿಯಂತಿರಬೇಕು. ತುಟಿಗಿಟ್ಟು ಚೂಪು ಮಾಡಿ ಎಂದು ಕಲಿಸಿದ್ದು ಕೆಲಸ ಕಲಿಸಿದವರೇ. ತುಟಿ, ಬಣ್ಣ, ಡಯಲ್, ಮತ್ತೆ ತುಟಿ. ಸಂಜೆ ಮನೆಗೆ ಹೋಗುವಾಗ ಅವರ ಕೂದಲು, ಬಟ್ಟೆ ಹೊಳೆಯುತ್ತಿದ್ದವು. ಕೆಲವರು ಉಗುರಿಗೆ, ಹಲ್ಲಿಗೆ ಬಳಿದುಕೊಂಡು ನಲಿದರು. ಆ ವಯಸ್ಸಿಗೆ ಅದು ಸಹಜ. ಅದನ್ನು ಎತ್ತಿ ಹಿಡಿದು ಅವರದೇ ತಪ್ಪು ಎನ್ನುವವರನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ.

ಅದೇ ಕಟ್ಟಡದಲ್ಲಿ ರಸಾಯನ ತಜ್ಞರು ಸೀಸದ ತಡೆಯ ಹಿಂದೆ ನಿಂತು ಚಿಮಟದಲ್ಲಿ ರೇಡಿಯಂ ಹಿಡಿಯುತ್ತಿದ್ದರು. ವಾದವನ್ನು ಇಲ್ಲಿಗೇ ನಿಲ್ಲಿಸಬಹುದು. ತಿಳಿವಳಿಕೆ ಇತ್ತು, ಅದು ಯಾರ ಕೈವರೆಗೆ ತಲುಪಬೇಕು ಎಂಬುದನ್ನು ಸಂಬಳದ ಪಟ್ಟಿ ನಿರ್ಧರಿಸುತ್ತಿತ್ತು.

ಆವರ್ತ ಕೋಷ್ಟಕದಲ್ಲಿ ಕ್ಯಾಲ್ಸಿಯಂ ಇರುವ ಕಂಬಸಾಲಿನಲ್ಲೇ ಕೆಳಗೆ ರೇಡಿಯಂ ಇದೆ. ದೇಹ ಎರಡಕ್ಕೂ ವ್ಯತ್ಯಾಸ ಕಾಣದೆ ಇದನ್ನೂ ಮೂಳೆಗೆ ಸೇರಿಸಿಕೊಳ್ಳುತ್ತದೆ. ಚರ್ಮದ ಹೊರಗಿದ್ದರೆ ದಾಟಲಾಗದ ಆಲ್ಫಾ ಕಣ, ಮೂಳೆಯೊಳಗೆ ಕುಳಿತರೆ ಪಕ್ಕದ ಜೀವಕೋಶಗಳನ್ನು ಬಿಡುವಿಲ್ಲದೆ ಹೊಡೆಯುತ್ತದೆ. ಮೊದಲು ಹಲ್ಲುನೋವು. ಹಲ್ಲು ಕಿತ್ತರೆ ಗಾಯ ಮಾಯುವುದಿಲ್ಲ. ಮಾಲಿ ಮ್ಯಾಜಿಯಾ ಎಂಬ ಯುವತಿಯ ದವಡೆಯ ಮೂಳೆ ದಂತವೈದ್ಯರ ಕೈಗೇ ಬಂತು. 1922ರಲ್ಲಿ ಆಕೆ ಸತ್ತಾಗ ಮರಣಪತ್ರದಲ್ಲಿ ಬರೆದದ್ದು ಸಿಫಿಲಿಸ್ ಎಂಬ ಲೈಂಗಿಕ ರೋಗ ಎಂದು. ಸತ್ತ ಮೇಲೂ ಆಕೆಗೆ ಆ ಕಳಂಕ ಅಂಟಿತು. ಐದು ವರ್ಷಗಳ ಬಳಿಕ, 1927ರಲ್ಲಿ, ಶವ ಹೊರತೆಗೆದು ಪರೀಕ್ಷಿಸಿದಾಗ ಮೂಳೆಗಳೆಲ್ಲ ವಿಕಿರಣಶೀಲವಾಗಿದ್ದವು.

ಕಂಪನಿ ತಾನೇ 1924ರಲ್ಲಿ ಹಾರ್ವರ್ಡ್‌ನ ಸೆಸಿಲ್ ಡ್ರಿಂಕರ್ ತಂಡದಿಂದ ತನಿಖೆ ಮಾಡಿಸಿತು. ಕಾಯಿಲೆಗೆ ರೇಡಿಯಂ ಕಾರಣ ಎಂಬ ವರದಿ ಬಂತು. ರಾಜ್ಯದ ಕಾರ್ಮಿಕ ಇಲಾಖೆಗೆ ಕಂಪನಿ ತಲುಪಿಸಿದ್ದು ಹುಡುಗಿಯರೆಲ್ಲ ಆರೋಗ್ಯವಾಗಿದ್ದಾರೆ ಎನ್ನುವ ತಿರುಚಿದ ವರದಿ. ಔದ್ಯೋಗಿಕ ರೋಗಗಳ ತಜ್ಞೆ ಆಲಿಸ್ ಹ್ಯಾಮಿಲ್ಟನ್ ಈ ವಿಷಯವನ್ನು ಡ್ರಿಂಕರ್ ಕಿವಿಗೆ ಹಾಕಿದ ಮೇಲೆ, 1925ರಲ್ಲಿ ಅವರು ತಮ್ಮ ನಿಜವಾದ ವರದಿಯನ್ನು ಪ್ರಕಟಿಸಿದರು. ಅದೇ ವರ್ಷ ಹ್ಯಾರಿಸನ್ ಮಾರ್ಟ್‌ಲ್ಯಾಂಡ್ ಎಂಬ ಸರ್ಕಾರಿ ವೈದ್ಯರು ಹುಡುಗಿಯರ ಉಸಿರಿನಲ್ಲಿ ರೇಡಾನ್ ಅಳೆದರು. ಇಷ್ಟಾದ ಮೇಲೂ ತಿಳಿದಿರಲಿಲ್ಲ ಎನ್ನಬಹುದೇ?

ಅಲ್ಲಿ ಡಯಲ್ ಬಳಿದಿದ್ದ ಗ್ರೇಸ್ ಫ್ರೈಯರ್ ಎಂಬಾಕೆ ತನ್ನ ಮೊಕದ್ದಮೆ ಹಿಡಿಯುವ ವಕೀಲನನ್ನು ಹುಡುಕಲು ಎರಡು ವರ್ಷ ಅಲೆದರು. ರೇಮಂಡ್ ಬೆರ್ರಿ ಎಂಬ ಯುವ ವಕೀಲ ಒಪ್ಪಿದ ಮೇಲೆ 1927ರಲ್ಲಿ ದಾವೆ ಹೂಡಿದರು. ಇನ್ನೂ ನಾಲ್ವರು ಜೊತೆಯಾದರು. ದೂರು ಕೊಡುವ ಎರಡು ವರ್ಷಗಳ ಅವಧಿ ಮುಗಿದಿದೆ ಎನ್ನುವುದು ಕಂಪನಿಯ ವಾದ. ರೋಗ ಕಾಣಿಸಿಕೊಳ್ಳಲೇ ಅದಕ್ಕಿಂತ ಹೆಚ್ಚು ಕಾಲ ಬೇಕಿತ್ತು! ವಿಚಾರಣೆಗೆ ಬಂದಾಗ ಕೆಲವರಿಗೆ ಪ್ರಮಾಣ ಮಾಡಲು ಕೈ ಎತ್ತುವ ಶಕ್ತಿಯೂ ಇರಲಿಲ್ಲ. ಪತ್ರಿಕೆಗಳು ಗದ್ದಲ ಎಬ್ಬಿಸಿದ್ದರಿಂದ 1928ರ ಜೂನ್‌ನಲ್ಲಿ ರಾಜಿಯಾಯಿತು: ತಲಾ 10,000 ಡಾಲರ್, ವರ್ಷಕ್ಕೆ 600 ಡಾಲರ್, ಚಿಕಿತ್ಸೆಯ ವೆಚ್ಚ. ಗ್ರೇಸ್ 1933ರಲ್ಲಿ ತೀರಿಕೊಂಡರು.

ಇಲಿನಾಯ್ ರಾಜ್ಯದ ಒಟ್ಟಾವಾ ಪಟ್ಟಣದಲ್ಲಿ ರೇಡಿಯಂ ಡಯಲ್ ಎಂಬ ಇನ್ನೊಂದು ಕಂಪನಿ ಇತ್ತು. ಅದು ತನ್ನ ಹುಡುಗಿಯರನ್ನು ಪರೀಕ್ಷೆ ಮಾಡಿಸಿ ಫಲಿತಾಂಶ ಹೇಳದೆ ಮುಚ್ಚಿಟ್ಟಿತು. ಅಲ್ಲಿನ ಕ್ಯಾಥರೀನ್ ಡಾನಹ್ಯೂ 1938ರಲ್ಲಿ ವಿಚಾರಣೆಯ ನಡುವೆಯೇ ಕುಸಿದುಬಿದ್ದರು. ಮುಂದಿನ ಸಾಕ್ಷ್ಯವನ್ನು ಮನೆಯ ಸೋಫಾದ ಮೇಲೆ ಮಲಗಿ ಹೇಳಿದರು. ಗೆದ್ದರು. ಕಂಪನಿ ಮೇಲ್ಮನವಿ ಸಲ್ಲಿಸಿತು. ಆ ವರ್ಷದ ಜುಲೈನಲ್ಲಿ ಕ್ಯಾಥರೀನ್ ಸತ್ತರು. ಮೇಲ್ಮನವಿಗಳೆಲ್ಲ ಸೋತು ತೀರ್ಪು ಗಟ್ಟಿಯಾದದ್ದು 1939ರಲ್ಲಿ.

ದೇಹದೊಳಗೆ ಎಷ್ಟು ರೇಡಿಯಂ ಇದ್ದರೆ ಸಹಿಸಬಹುದು ಎಂಬ ಮಿತಿಯನ್ನು ಅಮೆರಿಕದಲ್ಲಿ 1941ರಲ್ಲಿ ನಿಗದಿ ಮಾಡಿದರು: ಗ್ರಾಮಿನ ಒಂದು ಕೋಟಿಯ ಒಂದು ಪಾಲು. ಆ ಅಂಕಿಯ ಹಿಂದಿದ್ದದ್ದು ಡಯಲ್ ಬಳಿದ ಹೆಂಗಸರ ಮೇಲಿನ ಅಳತೆಗಳು. ಮುಂದೆ ಪರಮಾಣು ಬಾಂಬಿನ ಯೋಜನೆಯಲ್ಲಿ ಪ್ಲುಟೋನಿಯಂ ಮುಟ್ಟುವವರ ರಕ್ಷಣೆಗೂ ಅದನ್ನೇ ಅಳತೆಗೋಲಾಗಿ ಇಟ್ಟುಕೊಂಡರು. ಕೆಲಸದ ದಿನಗಳಲ್ಲಿ ನಾನು ಎದೆಗೆ ವಿಕಿರಣದ ಬ್ಯಾಡ್ಜ್ ಸಿಕ್ಕಿಸಿಕೊಂಡು ಓಡಾಡಿದವಳು. ಹೊಸದಾಗಿ ಸೇರಿದ ಮಕ್ಕಳಿಗೆ ಪಾಠ ಹೇಳುವಾಗ ಮಿತಿಗಳ ಕೋಷ್ಟಕವನ್ನು ಬೋರ್ಡಿನ ಮೇಲೆ ಬರೆಯುವ ಮೊದಲು ಗ್ರೇಸ್ ಮತ್ತು ಕ್ಯಾಥರೀನ್ ಹೆಸರನ್ನು ಬರೆಯುತ್ತಿದ್ದೆ.

ಪ್ರಶ್ನೆ: ಮೇರಿ ಕ್ಯೂರಿಗೆ ಇದರಲ್ಲಿ ಹೊಣೆ ಇಲ್ಲವೇ? ರೇಡಿಯಂನಿಂದ ಅವರೂ ಹಣ ಮಾಡಿರಬೇಕಲ್ಲ?

ಉತ್ತರ: ಹಣ ಮಾಡಲಿಲ್ಲ. ರೇಡಿಯಂ ಬೇರ್ಪಡಿಸುವ ವಿಧಾನಕ್ಕೆ ಕ್ಯೂರಿ ದಂಪತಿ ಪೇಟೆಂಟ್ ಪಡೆಯಲಿಲ್ಲ. ಸ್ವಂತ ಸಂಶೋಧನೆಗೆ ಸಾಕಷ್ಟು ರೇಡಿಯಂ ಇಲ್ಲದ ಸ್ಥಿತಿ ಬಂದಾಗ, ಅಮೆರಿಕದ ಮಹಿಳೆಯರು ಚಂದಾ ಎತ್ತಿ ಒಂದು ಗ್ರಾಂ ಕೊಂಡರು. 1921ರಲ್ಲಿ ಅಧ್ಯಕ್ಷ ಹಾರ್ಡಿಂಗ್ ಅದನ್ನು ಶ್ವೇತಭವನದಲ್ಲಿ ಮೇರಿಗೆ ನೀಡಿದರು. ಫ್ರಾನ್ಸಿನಲ್ಲಿ ‘ಥೋ-ರಾಡಿಯಾ’ ಎಂಬ ಮುಖದ ಕ್ರೀಮು ಡಾಕ್ಟರ್ ಆಲ್ಫ್ರೆಡ್ ಕ್ಯೂರಿ ಎಂಬವರ ಹೆಸರಿನಲ್ಲಿ ಮಾರಾಟವಾಯಿತು. ಅವರು ಈ ಕುಟುಂಬಕ್ಕೆ ಸೇರಿದವರೇ ಅಲ್ಲ.

ಆದರೂ ನಿಮ್ಮ ಪ್ರಶ್ನೆಯಲ್ಲಿ ತಿರುಳಿದೆ. ತಮ್ಮ ಆಯಾಸಕ್ಕೂ ಬೆರಳ ತುದಿಯ ಗಾಯಗಳಿಗೂ ರೇಡಿಯಂ ಕಾರಣ ಎಂದು ಒಪ್ಪಿಕೊಳ್ಳಲು ಮೇರಿಗೆ ಬಹಳ ಕಷ್ಟವಾಯಿತು. ತಾನು ಜಗತ್ತಿಗೆ ಕೊಟ್ಟದ್ದರ ಮೇಲಿನ ಪ್ರೀತಿ ಅದು ಎಂದು ನನಗನ್ನಿಸುತ್ತದೆ. 1934ರ ಜುಲೈ 4ರಂದು ರಕ್ತ ಉತ್ಪತ್ತಿಯೇ ನಿಂತುಹೋಗುವ ರಕ್ತಹೀನತೆಯಿಂದ ತೀರಿಕೊಂಡರು. ಯುದ್ಧಕಾಲದಲ್ಲಿ ಗಾಯಾಳುಗಳಿಗಾಗಿ ರಕ್ಷಣೆಯಿಲ್ಲದೆ ನಡೆಸಿದ ಎಕ್ಸ್-ರೇ ಕೆಲಸದ ಪಾಲೂ ಅದರಲ್ಲಿ ದೊಡ್ಡದಿರಬೇಕು. ಅವರ ಟಿಪ್ಪಣಿ ಪುಸ್ತಕಗಳು ಇಂದಿಗೂ ಪ್ಯಾರಿಸ್ಸಿನಲ್ಲಿ ಸೀಸದ ಪೆಟ್ಟಿಗೆಗಳಲ್ಲಿವೆ.

ಪ್ರಶ್ನೆ: ಚಿತ್ರಗಳಲ್ಲಿ ವಿಕಿರಣವನ್ನು ಯಾವಾಗಲೂ ಹಸಿರು ಬೆಳಕಾಗಿ ಏಕೆ ತೋರಿಸುತ್ತಾರೆ?

ಉತ್ತರ: ಡಯಲ್ ಬಣ್ಣದ ನೆನಪು ಜನರ ಕಣ್ಣಲ್ಲಿ ಉಳಿದದ್ದು ಒಂದು ಕಾರಣವಿರಬೇಕು. ಆ ಹಸಿರು ಜಿಂಕ್ ಸಲ್ಫೈಡಿನದು. ರೇಡಿಯಂ ಲವಣದ ಸ್ವಂತ ಬೆಳಕು ಮಸುಕು ನೀಲಿ. ಹೆಚ್ಚಿನ ವಿಕಿರಣಶೀಲ ವಸ್ತುಗಳು ಕಣ್ಣಿಗೆ ಕಾಣುವಂತೆ ಹೊಳೆಯುವುದೇ ಇಲ್ಲ.

ಪ್ರಶ್ನೆ: ನಾನು ವಿದ್ಯಾರ್ಥಿನಿ. ಇಷ್ಟೆಲ್ಲ ತಿಳಿದ ಮೇಲೆ ಇಂದು ಯಾರಾದರೂ ಇಂತಹ ವಸ್ತುವನ್ನು ಮೈಗೆ ಹಚ್ಚಿಕೊಳ್ಳುತ್ತಾರೆಯೇ?

ಉತ್ತರ: ಹಚ್ಚಿಕೊಂಡಿದ್ದಾರೆ, ಮಗಳೇ. 1987ರ ಸೆಪ್ಟೆಂಬರ್‌ನಲ್ಲಿ ಬ್ರೆಜಿಲ್‌ನ ಗೊಯಾನಿಯಾ ನಗರದಲ್ಲಿ, ತೆರವಾದ ಚಿಕಿತ್ಸಾಲಯವೊಂದರಲ್ಲಿ ಬಿಟ್ಟುಹೋಗಿದ್ದ, ಸೀಸಿಯಂ ಎಂಬ ವಿಕಿರಣಶೀಲ ವಸ್ತುವಿದ್ದ ಚಿಕಿತ್ಸಾ ಯಂತ್ರದ ಭಾಗವನ್ನು ಇಬ್ಬರು ಕಳಚಿ ಗುಜರಿಗೆ ಮಾರಿದರು. ಒಳಗಿನ ಪುಡಿ ಕತ್ತಲಲ್ಲಿ ನೀಲಿಯಾಗಿ ಬೆಳಗಿತು. ಗುಜರಿಯ ಮಾಲೀಕ ಅದನ್ನು ಅಮೂಲ್ಯವೆಂದು ಬಗೆದು ಬಂಧುಬಳಗಕ್ಕೆ ಹಂಚಿದ. ಕೆಲವರು ಮಿನುಗುಪುಡಿಯಂತೆ ಮೈಗೆ ಬಳಿದುಕೊಂಡರು. ಮನೆಯವರೆಲ್ಲ ಕಾಯಿಲೆ ಬೀಳುತ್ತಿರುವುದಕ್ಕೆ ಆ ಪುಡಿಯೇ ಕಾರಣ ಎಂದು ಮೊದಲು ಊಹಿಸಿದ್ದು ಮಾಲೀಕನ ಹೆಂಡತಿ ಮರಿಯಾ ಗೇಬ್ರಿಯೆಲಾ. ಆಕೆ ಅದನ್ನು ಚೀಲದಲ್ಲಿ ಹಾಕಿಸಿಕೊಂಡು ಬಸ್ಸಿನಲ್ಲಿ ಆರೋಗ್ಯ ಇಲಾಖೆಗೆ ಒಯ್ದುಕೊಟ್ಟ ಮೇಲೆಯೇ ಅನಾಹುತ ಬೆಳಕಿಗೆ ಬಂದದ್ದು. 249 ಮಂದಿಗೆ ಆ ವಿಕಿರಣಶೀಲ ಪುಡಿ ತಗುಲಿತ್ತು, ನಾಲ್ವರು ಸತ್ತರು. ಮರಿಯಾ ಮತ್ತು ಆರು ವರ್ಷದ ಒಂದು ಹೆಣ್ಣುಮಗು ಆ ನಾಲ್ವರಲ್ಲಿ ಸೇರಿದ್ದರು. ಎಚ್ಚರಿಸಬೇಕಾದವರು ಯಂತ್ರವನ್ನು ಬಿಟ್ಟು ಹೋಗಿದ್ದರು, ಎಚ್ಚರಿಸಿದವಳು ಗುಜರಿ ಮಾಲೀಕನ ಹೆಂಡತಿ.

ಇನ್ನೂ ಹತ್ತಿರದ್ದು ಹೇಳುತ್ತೇನೆ. 5ಜಿ ತರಂಗಗಳಿಂದ ಕಾಪಾಡುತ್ತವೆ, ಋಣ ಅಯಾನು (ನೆಗೆಟಿವ್ ಅಯಾನ್) ಕೊಟ್ಟು ಚೈತನ್ಯ ತುಂಬುತ್ತವೆ ಎಂದು ಮಾರುತ್ತಿದ್ದ ಪದಕ, ಕೈಬಳೆ, ಕಣ್ಣುಪಟ್ಟಿ ಮೊದಲಾದ ಹತ್ತು ವಸ್ತುಗಳಲ್ಲಿ ವಿಕಿರಣ ಪತ್ತೆಯಾಗಿದೆ, ಧರಿಸಬೇಡಿ ಎಂದು ನೆದರ್ಲೆಂಡ್ಸ್‌ನ ಅಣು ಸುರಕ್ಷತಾ ಪ್ರಾಧಿಕಾರ 2021ರ ಡಿಸೆಂಬರ್‌ನಲ್ಲಿ ಎಚ್ಚರಿಸಿತು. ಅವುಗಳಲ್ಲಿ ಮಕ್ಕಳ ಬಳೆಯೂ ಒಂದು. ಇಂತಹ ಪದಕಗಳ ಪುಡಿಯಲ್ಲಿ ಸಾಮಾನ್ಯವಾಗಿ ಇರುವುದು ಥೋರಿಯಂ ಎಂಬ ವಿಕಿರಣಶೀಲ ಧಾತು ಬೆರೆತ ಖನಿಜ. ಪ್ರಮಾಣ ಸಣ್ಣದು; ಹಗಲೂ ರಾತ್ರಿ ಚರ್ಮಕ್ಕೆ ತಾಗಿಸಿಕೊಂಡಿದ್ದರೆ ಹಾನಿಯಾಗಬಹುದು. ನಿಮ್ಮ ಮನೆಯಲ್ಲಿ ಯಾರಾದರೂ ಅಂತಹದನ್ನು ಕೊಂಡಿದ್ದರೆ ಕೊರಳಿಂದ ತೆಗೆಸಿ, ನೀರಿನ ಲೋಟಕ್ಕೆ ಅದ್ದಿ ಕುಡಿಯುವ ಸಲಹೆ ಡಬ್ಬಿಯ ಮೇಲಿದ್ದರೆ ಅದನ್ನು ಖಂಡಿತ ಪಾಲಿಸಬೇಡಿ, ಒಡೆಯದೆ ಮುಚ್ಚಿದ ಚೀಲದಲ್ಲಿಟ್ಟು ಮಕ್ಕಳ ಕೈಗೆ ಸಿಗದಂತೆ ಎತ್ತಿಡಿ.